ಕನ್ನಡಿಗೆ ಹೊಡೆದ ಮೂರು ಮೊಳೆ

ಏಳು ಹೊಳೆಗಳಾಚೆ, ಎಂಟನೆಯ ಹೊಳೆ ಇನ್ನೂ ಹುಟ್ಟದಿದ್ದ ಕಾಲದಲ್ಲಿ, ಬಿಂಬಾವತಿ ಎಂಬ ರಾಜ್ಯವಿತ್ತು.

ಆ ರಾಜ್ಯದಲ್ಲಿ ಎರಡು ಬಗೆಯ ಕನ್ನಡಿಗಳಿದ್ದವು. ಒಂದು ತೋರುಗನ್ನಡಿ, ಇನ್ನೊಂದು ನೋಡುಗನ್ನಡಿ. ತೋರುಗನ್ನಡಿಯ ಮುಂದೆ ಕೂತು ಯಾರು ಏನು ಮಾಡಿದರೂ ಆ ಗಳಿಗೆಯಲ್ಲೇ ಅದು ಊರೂರಿನ ನೋಡುಗನ್ನಡಿಗಳಲ್ಲಿ ಕಾಣುತ್ತಿತ್ತು. ನೋಡುವವರು ತಮ್ಮ ಕನ್ನಡಿಗೆ ಬಾಯಿಟ್ಟು ಮಾತಾಡಿದರೆ, ಆ ಮಾತು ತೋರುಗನ್ನಡಿಯ ಕೆಳಗಿನ ಅಂಚಿನಲ್ಲಿ ಆವಿಯ ಅಕ್ಷರವಾಗಿ ಮೂಡುತ್ತಿತ್ತು.

ಅಂಥ ಒಂದು ತೋರುಗನ್ನಡಿ ಕಂಚಿನ ಗಂಟೆ ಎರೆಯುವ ಸಂಕವ್ವನ ಕುಲುಮೆಯಲ್ಲಿತ್ತು. ಹನ್ನೆರಡು ವರ್ಷ ಕಂಡವರ ಕುಲುಮೆಯಲ್ಲಿ ತಿದಿ ಒತ್ತಿ, ಕಣ್ಣಲ್ಲೇ ಕೆಲಸ ಕದ್ದು, ಕೊನೆಗೆ ಸ್ವಂತ ಕುಲುಮೆ ಹಾಕಿದವಳು ಅವಳು. "ಹೆಂಗಸು ಎರೆದ ಗಂಟೆ ದನಿ ಕೊಡಲ್ಲ" ಎಂದವನ ಮನೆ ಬಾಗಿಲಿಗೇ ಒಂದು ಗಂಟೆ ಕಟ್ಟಿ, ಅವನು ಕಿವಿ ಮುಚ್ಚಿಕೊಳ್ಳುವ ತನಕ ಬಾರಿಸಿ ಬಂದಿದ್ದಳು. ಅಕ್ಷರವನ್ನೂ ಅವಳಿಗೆ ಯಾರೂ ಕಲಿಸಲಿಲ್ಲ. ಕನ್ನಡಿಯಲ್ಲಿ ಮೂಡುವ ಆವಿಯ ಅಕ್ಷರಗಳನ್ನು ನೋಡಿ ನೋಡಿ, ಬೂದಿಯಲ್ಲಿ ಬೆರಳಿಂದ ತೀಡಿ ತೀಡಿ, ತಾನೇ ಕಲಿಯುತ್ತಿದ್ದಳು.

ಸಂಕವ್ವ ಜೇನುಮೇಣದಲ್ಲಿ ಗಂಟೆಯ ರೂಪ ತಿದ್ದುವುದನ್ನು, ಅದರ ಮೇಲೆ ಹುತ್ತದ ಮಣ್ಣು ಮೆತ್ತುವುದನ್ನು, ಮೇಣ ಕರಗಿ ಹೋದ ಜಾಗಕ್ಕೆ ಕಾದ ಕಂಚು ಹೊಯ್ಯುವುದನ್ನು ಸಾವಿರ ಮನೆಗಳ ಜನ ನೋಡುತ್ತಿದ್ದರು. ಹೊಯ್ಯುವಾಗ ಮಾತ್ರ ಒಂದು ಕಟ್ಟಳೆಯಿತ್ತು. ಒಂಬತ್ತು ಉಸಿರಿನ ಕಾಲ ಯಾರೂ ಮಾತಾಡುವಂತಿಲ್ಲ. ಕಂಚಿನ ಧಾರೆ ನಡುವೆ ತುಂಡಾದರೆ ಗಂಟೆಯ ಮೈಯಲ್ಲಿ ಸಂದು ಬೀಳುತ್ತದೆ. ಸಂದು ಬಿದ್ದ ಗಂಟೆ ಒಡೆದ ಮಡಕೆಯ ಹಾಗೆ ಕೂಗುತ್ತದೆ.

ಒಂದು ದಿನ ನಗೆಗುಡ್ಡದ ಮಾಂತ್ರಿಕ ರಂಜಕ ಬಂದ. ಕೈಯಲ್ಲಿ ಹೊಳೆಯುವ ತಾಮ್ರದ ತಗಡು, ಅದರ ತುಂಬ ಸಾಸಿವೆಯಷ್ಟು ಸಣ್ಣ ಅಕ್ಷರ.

"ಅಕ್ಕಾ, ಮಂದಿ ಸುಮ್ಮನೆ ನೋಡ್ತಾ ಕೂತ್ರೆ ಬೇಸರ ಆಗಲ್ವಾ? ಅವರಿಗೂ ಒಂದಿಷ್ಟು ಆಟ ಇರಲಿ. ನಿಮ್ಮ ಕನ್ನಡಿಗೆ ಮೂರು ಪ್ರಾಣಿ ಕೂರಿಸಿ ಕೊಡ್ತೀನಿ. ಇದನ್ನ ಓದಿ, ಹೆಬ್ಬೆಟ್ಟು ಒತ್ತಿ."

ಸಂಕವ್ವನಿಗೆ ಆಗ ಅಕ್ಷರ ಅರ್ಧ ಬರುತ್ತಿತ್ತು. ಒತ್ತಕ್ಷರ ಸಿಕ್ಕರೆ ಎಡವುತ್ತಿದ್ದಳು. ಆದರೆ ಬರಲ್ಲ ಎಂದು ಹೇಳಲು ನಾಲಿಗೆ ಏಳಲಿಲ್ಲ. ತಗಡಿನ ಮೇಲೆ ಕಣ್ಣಾಡಿಸಿದಳು, ತುಟಿ ಆಡಿಸಿದಳು, ತಲೆ ತೂಗಿದಳು.

"ಓದಿದ್ರಾ ಅಕ್ಕಾ?"

"ಓದದೆ ಏನು? ನನಗೆ ಓದೋಕೆ ಬರಲ್ಲ ಅಂದ್ಕೊಂಡ್ಯಾ?"

ಒತ್ತಿದಳು. ರಂಜಕ ನಕ್ಕು ಕನ್ನಡಿಯ ಚೌಕಟ್ಟಿಗೆ ಮೂರು ಮೊಳೆ ಹೊಡೆದ. ನೆತ್ತಿಯ ಮೊಳೆಯ ಮೇಲೆ ಒಂದು ಗಿಳಿ ಬಂದು ಕೂತಿತು. ಬಲಗಡೆಯ ಮೊಳೆಗೆ ಒಂದು ಕೋತಿ ಜೋತುಬಿದ್ದಿತು. ಅಡಿಯ ಮೊಳೆಯ ಮೇಲೆ ಒಂದು ಮೊಸಳೆ ಮೈಚಾಚಿತು. ಅದರ ಬೆನ್ನಿನ ಮೇಲೆ ಚೌಕಾಬಾರದ ಮನೆ ಬರೆದಿತ್ತು. ತಗಡನ್ನು ಸಂಕವ್ವ ಮೇಣದ ಗಡಿಗೆಗೆ ಮುಚ್ಚಳ ಮಾಡಿಕೊಂಡಳು.

ಜನಕ್ಕೆ ಮೊದಮೊದಲು ಮೋಜು. ತಮ್ಮ ಕನ್ನಡಿಯನ್ನು ಬೆರಳಿಂದ ಕುಟ್ಟಿದರೆ ಸಾಕು, ಇಲ್ಲಿ ಕೋತಿ ಸಂಕವ್ವನ ಮೇಲೆ ಬೇಲದಕಾಯಿ ಎಸೆಯುತ್ತಿತ್ತು. ಗಿಳಿ ಮಾತಿಗೊಮ್ಮೆ ಕಿರುಚಿ ಒಗಟು ಕೇಳುತ್ತಿತ್ತು. ಮೊಸಳೆಯ ಬೆನ್ನಿನ ಮೇಲೆ ಕವಡೆ ಉರುಳುತ್ತಲೇ ಇದ್ದವು. ಜನ ನಕ್ಕಾಗಲೆಲ್ಲ ಅವರ ಕಣ್ಣಿನ ಹೊಳಪು ಒಂದೊಂದು ಹನಿ ಹಾರಿಹೋಗಿ ನಗೆಗುಡ್ಡದ ಮೇಲಿದ್ದ ರಂಜಕನ ಜಾಡಿಗೆ ಬೀಳುತ್ತಿತ್ತು. ಅವನ ಅರಮನೆಗೆ ಅದೇ ದೀಪ.

ಹೀಗಿರುವಾಗ ಸುಳಿಗಡವಿನ ಅಂಬಿಗ ದುಗ್ಗಣ್ಣ ಗಂಟೆ ಬೇಕೆಂದು ಕುಲುಮೆಗೇ ಬಂದು ಹೋಗಿದ್ದ. ಮಾಗಿಯ ಮಂಜು ಇಳಿದರೆ ಹೊಳೆಯಲ್ಲಿ ಕೈಗೆ ಕೈ ಕಾಣುವುದಿಲ್ಲ. ದೋಣಿಗಳು ಕಡವಿನ ಗಂಟೆಯ ದನಿ ಹಿಡಿದು ದಡ ಸೇರಬೇಕು. ಹಳೆಯ ಗಂಟೆ ಸೀಳಿಹೋಗಿತ್ತು. ಹಿಂದಿನ ವರ್ಷ ಎರಡು ದೋಣಿ ಬಂಡೆಗೆ ಬಡಿದಿದ್ದವು. "ಸಂಕವ್ವಾ, ಈ ಸಲ ನೀನೇ ಗತಿ. ಎಂಟು ದಿನ ಇದೆ" ಎಂದಿದ್ದ ದುಗ್ಗಣ್ಣ. "ಆರು ದಿನ ಸಾಕು" ಎಂದಿದ್ದಳು ಸಂಕವ್ವ.

ಮೊದಲ ಅಚ್ಚು ಸಿದ್ಧವಾಯಿತು. ಮೂಸೆಯಲ್ಲಿ ಕಂಚು ಕುದಿಯಿತು. ಅವಳು ಇಕ್ಕಳದಲ್ಲಿ ಮೂಸೆ ಎತ್ತಿ ಹೊಯ್ಯತೊಡಗಿದಳು. ಮೂರನೆಯ ಉಸಿರಿಗೆ ಕೋತಿ ಎಸೆದ ಬೇಲದಕಾಯಿ ಮೊಣಕೈಗೆ ಬಡಿಯಿತು. ಧಾರೆ ತುಂಡಾಯಿತು. ಗಂಟೆಗೆ ಸಂದು ಬಿತ್ತು.

ಸಂಕವ್ವನ ಕಣ್ಣು ಕೆಂಡವಾಯಿತು. "ನಿನ್ನ ಬಾಲ ಕತ್ತರಿಸಿ ತಿದಿಗೆ ಕಟ್ತೀನಿ!" ಎಂದು ಪೊರಕೆ ಹಿಡಿದು ಕೋತಿಗೆ ಬಾರಿಸಿದಳು. ನೋಡುಗನ್ನಡಿಗಳ ಮುಂದೆ ಜನ ಬಿದ್ದು ಬಿದ್ದು ನಕ್ಕರು. ಒಂದು ಏಟಿಗೆ ಕೋತಿ ಒಂದು ಗೇಣು ಬೆಳೆಯಿತು. ಹತ್ತು ಏಟಿಗೆ ಅವಳ ಎದೆಯೆತ್ತರ ನಿಂತು ಹಲ್ಲು ಕಿಸಿಯಿತು.

ಕೆಟ್ಟ ಗಂಟೆಯನ್ನು ಒಡೆದು ಕರಗಿಸಿ ಎರಡನೆಯ ಅಚ್ಚಿಗೆ ಹೊಯ್ದಳು. ಐದನೆಯ ಉಸಿರಿಗೆ ಗಿಳಿ ಕಿವಿ ಹರಿಯುವಂತೆ ಕಿರುಚಿತು: "ಹೊಯ್ತಾಳೋ? ಚೆಲ್ತಾಳೋ? ಹೇಳಿ, ಹೇಳಿ!" ಸಂಕವ್ವ ಬೆಚ್ಚಿದಳು. ಮತ್ತೆ ಸಂದು.

ಮೂರನೆಯ ಅಚ್ಚನ್ನು ಒಣಗಲು ಇಟ್ಟು, ಈ ಸಲ ಕರಿಯ ಕಂಬಳಿ ತಂದು ಚೌಕಟ್ಟಿಗೆಲ್ಲ ಸುತ್ತಿದಳು. ಪ್ರಾಣಿಗಳು ತೆಪ್ಪಗಾದವು. ಒಂದು ಸದ್ದೂ ಇರಲಿಲ್ಲ. "ಸತ್ತವು" ಎಂದುಕೊಂಡಳು. ಬೆಳಿಗ್ಗೆ ಕನ್ನಡಿ ತೆರೆಯಲೆಂದು ಕಂಬಳಿ ಸರಿಸಿದರೆ ಮೂರೂ ಎದ್ದು ಮೈಮುರಿದವು. ಗಿಳಿ ಹೇಳಿತು, "ಚೆನ್ನಾಗಿ ನಿದ್ದೆ ಬಂತು ಸಂಕವ್ವ. ರಾತ್ರಿ ನಿನಗೂ ಬಂತಾ?"

ಸಂಕವ್ವ ಸೆರಗು ಸೊಂಟಕ್ಕೆ ಸಿಕ್ಕಿಸಿ ನೇರ ನಗೆಗುಡ್ಡ ಹತ್ತಿದಳು. ಅರಮನೆಗೆ ಮೂರು ಬಾಗಿಲು, ಪ್ರತಿ ಬಾಗಿಲಿಗೂ ಒಂದು ಮಾತಾಡುವ ಕಲ್ಲಿನ ಮುಖ.

"ನನ್ನ ಕನ್ನಡಿಯಿಂದ ನಿಮ್ಮ ಪ್ರಾಣಿ ತೆಗೀರಿ" ಎಂದಳು.

ಮೊದಲ ಮುಖ ಹೇಳಿತು, "ಅದು ಎರಡನೇ ಬಾಗಿಲಿನ ಕೆಲಸ."

ಎರಡನೆಯದು ಹೇಳಿತು, "ನಿಮ್ಮ ಅಳಲು ನಮಗೆ ಮುಟ್ಟಿದೆ. ಮೂರನೇ ಬಾಗಿಲಲ್ಲಿ ಕೇಳಿ."

ಮೂರನೆಯದು ಕೇಳಿತು, "ಮೊದಲನೇ ಬಾಗಿಲಲ್ಲಿ ಕೇಳಿದ್ರಾ?"

ಸಂಕವ್ವ ಕಾಲಿನಿಂದ ಬಾಗಿಲು ಒದ್ದಳು. "ಕಲ್ಲೇ, ನನ್ನ ಕೈಲಿ ಸುತ್ತಿಗೆ ಇಲ್ಲ ಅಂತ ಧೈರ್ಯವಾ ನಿನಗೆ?"

ಕಲ್ಲಿನ ಮುಖ ಆಕಳಿಸಿತು. "ಎಲ್ಲಾ ತಗಡಲ್ಲಿ ಬರೆದಿದೆ ತಾಯಿ. ನೀವೇ ಓದಿ ಒತ್ತಿದ್ದೀರಲ್ಲ."

ಆ ಮಾತು ಕಾದ ಕಂಚಿನ ಹನಿಯ ಹಾಗೆ ಅವಳೆದೆಗೆ ಬಿತ್ತು. ಗುಡ್ಡ ಇಳಿಯುವಾಗ ಮೈಯೆಲ್ಲ ಉರಿಯುತ್ತಿತ್ತು. ಅರ್ಧ ಸಿಟ್ಟು ರಂಜಕನ ಮೇಲೆ. ಇನ್ನರ್ಧ ಯಾರ ಮೇಲೆ ಎಂದು ಅವಳಿಗೆ ಗೊತ್ತಿತ್ತು.

ಕುಲುಮೆಯ ಬಾಗಿಲಲ್ಲಿ ದುಗ್ಗಣ್ಣ ನಿಂತಿದ್ದ. ದೂರದಿಂದ ಓಡಿಬಂದು ಏದುಸಿರು ಬಿಡುತ್ತಿದ್ದ.

"ಏನಮ್ಮಾ ಸಂಕವ್ವಾ! ಮೂರು ದಿನದಿಂದ ಕನ್ನಡೀಲಿ ಕೂಗ್ತಾ ಇದ್ದೀನಿ. ಒಂದು ಉತ್ತರ ಕೊಡಬಾರದಾ? ಈ ವರ್ಷ ಮಂಜು ಬೇಗ ಬಂತು. ನಾಳೆ ನಸುಕಿಗೆ ಇಳಿಯುತ್ತೆ. ನಾಳೆ ನಸುಕಿಗೇ ನನ್ನ ಮಗಳು ಆ ದಡದಿಂದ ದೋಣಿ ಬಿಡ್ತಾಳೆ. ನಲವತ್ತು ಜನ ಇದ್ದಾರೆ ಅದರಲ್ಲಿ. ಗಂಟೆ ಇದೆ ಅಂತ ನಂಬ್ಕೊಂಡು ಬಿಡ್ತಾಳೆ!"

ಸಂಕವ್ವ ಕನ್ನಡಿಯ ಕಡೆ ತಿರುಗಿದಳು. ಆವಿಯ ಅಕ್ಷರ ಮೂಡುವ ಅಂಚಿನ ಉದ್ದಕ್ಕೂ ಮೊಸಳೆ ಮಲಗಿತ್ತು. ದುಗ್ಗಣ್ಣನ ಕೂಗೆಲ್ಲ ಅದರ ಹೊಟ್ಟೆಯ ಕೆಳಗೆ ಸಿಕ್ಕಿತ್ತು.

ಅವಳು ಮೇಣದ ಗಡಿಗೆಯ ಮೇಲಿಂದ ತಾಮ್ರದ ತಗಡನ್ನು ಕಿತ್ತು, ಬೂದಿ ಹಾಕಿ ಉಜ್ಜಿ, ಕನ್ನಡಿಯ ಮುಂದೆ ಕೂತಳು. ಸಾವಿರ ಮನೆಗಳು ನೋಡುತ್ತಿದ್ದವು.

"ಕೇಳಿ ಎಲ್ಲರೂ. ಅವತ್ತು ನಾನು ಇದನ್ನ ಓದಲಿಲ್ಲ. ಓದಿದ ಹಾಗೆ ತುಟಿ ಆಡಿಸಿದೆ. ಇವತ್ತು ಓದ್ತೀನಿ. ಎಡವಿದರೆ ನಗೋರು ನಗಿ."

ಬೆರಳಿಟ್ಟು ಓದತೊಡಗಿದಳು. ಮೊದಲ ಒತ್ತಕ್ಷರಕ್ಕೇ ಎಡವಿದಳು. ಗಿಳಿ "ತಪ್ಪು, ತಪ್ಪು!" ಎಂದು ಕುಣಿಯಿತು. ಕೋತಿಯ ಬೇಲದಕಾಯಿ ಹಣೆಗೆ ಬಡಿದು ರಕ್ತ ಬಂತು. ಅವಳು ಹಿಂದಕ್ಕೆ ಹೋಗಿ ಆ ಮಾತನ್ನು ಮತ್ತೆ ಓದಿದಳು. ಮುಂದಿನದಕ್ಕೆ ಹೋದಳು. ಮೇಲೆಲ್ಲ ರಂಜಕನ ಹೊಗಳಿಕೆ. ನಡುವೆಲ್ಲ ರಂಜಕನ ಹಕ್ಕು. ಬೇಲದಕಾಯಿಗಳು ಬರಬರುತ್ತ ಕಡಿಮೆಯಾದವು. ಕನ್ನಡಿ ಕುಟ್ಟುವ ಬೆರಳುಗಳು ಒಂದೊಂದಾಗಿ ನಿಲ್ಲುತ್ತಿದ್ದವು. ಕೊನೆಗೆ, ತಗಡಿನ ಅಂಚಿನಲ್ಲಿ, ಎಲ್ಲಕ್ಕಿಂತ ಸಣ್ಣ ಅಕ್ಷರದಲ್ಲಿ ಹೀಗಿತ್ತು:

"ಹೊಡೆದರೆ ಪ್ರಾಣಿ ಬೆಳೆಯುವುದು. ಮುಚ್ಚಿದರೆ ಮಲಗುವುದು. ಹೆಬ್ಬೆಟ್ಟು ಒತ್ತಿದ ಕೈಯೇ ಮೊಳೆ ಕಿತ್ತರೆ ಇಳಿದು ಹೋಗುವುದು. ಈ ತಗಡು ಇರುವ ತನಕ ಮರಳಿ ಬರುವುದು. ತಗಡು ಅಳಿದರೆ ಬಾರದು."

ಸಂಕವ್ವ ತಲೆಯೆತ್ತಿದಳು. "ಇಷ್ಟೇನಾ? ಇಷ್ಟೇನಾ! ಇದಕ್ಕಾ ನಾನು ಗುಡ್ಡ ಹತ್ತಿ ಕಲ್ಲಿನ ಮುಂದೆ ಬೇಡಿದ್ದು?"

ಇಕ್ಕಳ ಹಿಡಿದು ಎದ್ದಳು. ನೆತ್ತಿಯ ಮೊಳೆ ಕಿತ್ತಳು. ಗಿಳಿ ಒಗಟನ್ನು ಅರ್ಧಕ್ಕೇ ನುಂಗಿ ಕಿಟಕಿಯಿಂದ ಹಾರಿತು. ಬಲಗಡೆಯ ಮೊಳೆ ಕಿತ್ತಳು. ಕೋತಿ ಗೇಣುದ್ದವಾಗಿ ಕುಗ್ಗಿ ಹುಣಸೆಮರಕ್ಕೆ ನೆಗೆಯಿತು. ಅಡಿಯ ಮೊಳೆಗೆ ಇಕ್ಕಳ ಹಾಕುವಾಗ ಕುಲುಮೆಯ ಹೊಗೆಯೊಳಗಿಂದ ರಂಜಕ ಇಳಿದ.

"ನಿಲ್ಲಿ ಅಕ್ಕಾ! ಜನ ನೋಡ್ತಿದ್ದದ್ದು ನನ್ನ ಕೋತೀನ, ನಿಮ್ಮ ಮಸಿ ಮುಖಾನಾ? ಇವು ಹೋದರೆ ನಾಳೆ ಹತ್ತು ಜನವೂ ಬರಲ್ಲ."

"ಹತ್ತೇ ಜನ ಬರಲಿ. ಗಂಟೆ ನೋಡೋಕೆ ಬರಲಿ" ಎಂದು ಸಂಕವ್ವ ಮೊಳೆ ಎಳೆದಳು.

ಮೊಸಳೆ ದಡಾರನೆ ಬಿದ್ದು, ಬೆನ್ನಿನ ಕವಡೆಗಳನ್ನು ಕೊಡವಿ, ಹೊಳೆಯ ಕಡೆ ಹೊರಟುಹೋಯಿತು. ಅದರ ಕೆಳಗೆ ಸಿಕ್ಕಿಬಿದ್ದಿದ್ದ ಆವಿಯ ಅಕ್ಷರಗಳು ಸಾಲುಸಾಲಾಗಿ ಮೇಲೆದ್ದವು. ಸಂಕವ್ವ ಓದಿದಳು. "ಅಕ್ಕಾ, ಈ ಕೋತಿ ತೆಗೀರಿ." "ಗಿಳಿ ಕಾಟದಲ್ಲಿ ನಿಮ್ಮ ಮಾತೇ ಕೇಳಲ್ಲ." "ನಾನೂ ಇಲ್ಲಿ ಮೇಣ ತಿದ್ತಾ ಇದ್ದೀನಿ ಅಕ್ಕಾ, ನಿಮ್ಮ ಕೈ ಕಾಣಿಸ್ತಿಲ್ಲ." "ಆಟ ಬೇಡ, ಎರಕ ತೋರಿಸಿ." ನೂರಾರು ಇದ್ದವು. ತಿಂಗಳಿಂದ ಕೇಳುತ್ತಲೇ ಇದ್ದರು.

ಸಂಕವ್ವ ರಂಜಕನತ್ತ ತಿರುಗಿದಳು. ಆ ನೋಟಕ್ಕೆ ಅವನು ಒಂದು ಹೆಜ್ಜೆ ಹಿಂದೆ ಸರಿದ.

"ದುಗ್ಗಣ್ಣಾ, ತಿದಿ ಒತ್ತು" ಎಂದಳು. "ಎರಡು ಸಲ ಕರಗಿಸಿ ಕಂಚು ಸುಟ್ಟು ಕಮ್ಮಿಯಾಗಿದೆ. ಒಂದು ತಗಡಿನಷ್ಟು ತಾಮ್ರ ಬೇಕಿತ್ತು."

"ಅದು ನನ್ನ ತಗಡು!" ಎಂದು ರಂಜಕ ಕೂಗಿದ.

"ನನ್ನ ಹೆಬ್ಬೆಟ್ಟು ಇರೋದು ಇದರ ಮೇಲೆ" ಎಂದು ಅವಳು ಅದನ್ನು ಮೂಸೆಗೆ ಹಾಕಿದಳು.

ತಗಡಿನ ಅಕ್ಷರ ಕರಗಿದ ಹಾಗೆ ರಂಜಕನ ಕಾಲು ಕರಗಿತು. ಅಂಚು ಕರಗಿದ ಹಾಗೆ ಸೊಂಟ ಕರಗಿತು. ಅವನು ಬಾಯಿ ತೆರೆದ. ಆದರೆ ಸಂಕವ್ವ ಆಗಲೇ ಮೂಸೆ ಎತ್ತಿದ್ದಳು, ಮತ್ತು ಹೊಯ್ಯುವಾಗ ಯಾರೂ ಮಾತಾಡುವಂತಿಲ್ಲ. ಸಾವಿರ ಮನೆಗಳಲ್ಲಿ ಉಸಿರಿನ ಸದ್ದೂ ಇರಲಿಲ್ಲ. ಒಂದು ಉಸಿರು, ಎರಡು, ಮೂರು. ಕೆಂಪು ಧಾರೆ ನೂಲಿನ ಹಾಗೆ ಇಳಿಯಿತು. ಒಂಬತ್ತನೆಯ ಉಸಿರಿಗೆ ಅಚ್ಚು ತುಂಬಿತು. ರಂಜಕನಿದ್ದ ಜಾಗದಲ್ಲಿ ಬರಿಯ ಹೊಗೆಯಿತ್ತು.

ಅದೇ ಗಳಿಗೆಗೆ ನಗೆಗುಡ್ಡದ ಜಾಡಿ ಒಡೆಯಿತು. ಕಣ್ಣಿನ ಹೊಳಪೆಲ್ಲ ಮಿಣುಕುಹುಳದ ಹಿಂಡಿನ ಹಾಗೆ ಹಾರಿ ತನ್ನ ತನ್ನ ಮನೆ ಸೇರಿತು.

ಮರುದಿನ ನಸುಕಿಗೆ ಮಂಜು ಇಳಿಯಿತು. ಹೊಳೆ, ದಡ, ಬಂಡೆ ಎಲ್ಲ ಒಂದೇ ಬಿಳಿ. ದುಗ್ಗಣ್ಣ ಕಡವಿನಲ್ಲಿ ಗಂಟೆ ಹೊಡೆದ. ದನಿ ಒಡೆಯಲಿಲ್ಲ, ನೀರಿನ ಮೇಲೆ ಹಾಸಿದ ಹಗ್ಗದ ಹಾಗೆ ಉದ್ದಕ್ಕೆ ಸಾಗಿತು. ಬಹಳ ಹೊತ್ತು ಏನೂ ಕಾಣಲಿಲ್ಲ. ಆಮೇಲೆ ಬಿಳಿಯ ನಡುವಿಂದ ಒಂದು ಹೆಣ್ಣುದನಿ ಕೂಗಿತು: "ಅಪ್ಪಾ, ಕೇಳ್ತಾ ಇದೆ! ಹೊಡೀತಾ ಇರು!" ದೋಣಿಯ ಮೂತಿ ಮರಳಿಗೆ ತಾಗಿತು. ನಲವತ್ತು ಜನ ಇಳಿದರು.

ಅಂದಿನಿಂದ, ರಂಜಕನ ಮಾತಿಗೆ ಹೀಗೇ ಹೆಬ್ಬೆಟ್ಟು ಒತ್ತಿದ್ದ ಬಿಂಬಾವತಿಯ ತೋರುಗನ್ನಡಿಯವರೆಲ್ಲ ತಮ್ಮ ತಮ್ಮ ತಗಡುಗಳನ್ನು ಹುಡುಕಿ ತೆಗೆದು, ಸಂಕವ್ವನ ಮುಂದೆ ಕೂತು ಓದಿ, ಮೊಳೆ ಕಿತ್ತು, ತಾಮ್ರವನ್ನು ಅವಳ ಮೂಸೆಗೇ ಹಾಕಿ ಹೋದರು. ಆ ತಾಮ್ರದಿಂದ ಪ್ರತಿ ಕಡವಿಗೂ ಒಂದು ಗಂಟೆಯಾಯಿತು. ಮುಂದೆ ಯಾರಾದರೂ ನಗುತ್ತಾ ಬಂದು "ಇಲ್ಲೊಂದು ಒತ್ತಿಬಿಡಿ ಅಕ್ಕಾ, ಅಷ್ಟೇ" ಎಂದರೆ ಸಂಕವ್ವ ಕೈಯೊರೆಸಿಕೊಂಡು ಹೇಳುತ್ತಿದ್ದಳು, "ಕೂತ್ಕೋ. ಓದ್ತೀನಿ. ನನಗೆ ನಿಧಾನ ಆಗುತ್ತೆ." ಬಂದವರಲ್ಲಿ ಅರ್ಧ ಜನ ಅಷ್ಟಕ್ಕೇ ಎದ್ದು ಹೋಗುತ್ತಿದ್ದರು.

ಅವರ ಕಡವಿನಲ್ಲಿ ಗಂಟೆ ಮೊಳಗುತ್ತಿರಲಿ, ನಮ್ಮ ಕನ್ನಡಿಗೆ ಮೊಳೆ ಬೀಳದಿರಲಿ.