ತೊರೆಗಲ್ಲಿನ ಕಹಿ ಹೆಂಡ

ಬಹಳ ಹಿಂದೆ, ಹಾವಿಗೂ ಕರಡಿಗೂ ಮನುಷ್ಯರ ಮಾತು ಬರುತ್ತಿದ್ದ ಕಾಲದಲ್ಲಿ, ತೊರೆಗಲ್ಲು ಎಂಬ ರಾಜ್ಯವಿತ್ತು. ಕುಮುದಸೇನನೆಂಬ ರಾಜ ಅದನ್ನು ಆಳುತ್ತಿದ್ದ. ಆಳುತ್ತಿದ್ದ ಎನ್ನುವುದು ಹೆಸರಿಗೆ ಮಾತ್ರ. ರಾಜಧಾನಿಯಲ್ಲಿ ನಡೆಯುತ್ತಿದ್ದುದು ಧೂಮಾಕ್ಷನೆಂಬ ಮಾಂತ್ರಿಕನ ಮಾತು.

ಧೂಮಾಕ್ಷ ಊರಿಗೆಲ್ಲ ಒಂದೇ ಹೆಂಡ ಮಾಡಿ ಹಂಚುತ್ತಿದ್ದ. ನೀರಿನಷ್ಟು ತಿಳಿ, ಸಕ್ಕರೆಯಷ್ಟು ಸಿಹಿ. ಯಾವ ಬೀದಿಯ ಪಡಖಾನೆಗೆ ಹೋದರೂ ಅದೇ. ಅದನ್ನು ಕುಡಿದವರ ನಾಲಿಗೆಯಿಂದ ರುಚಿ ಒಂದೊಂದಾಗಿ ಕಳಚಿಹೋಗುತ್ತಿತ್ತು. ಮೊದಲು ಹುಳಿ, ಆಮೇಲೆ ಖಾರ, ಕೊನೆಗೆ ಉಪ್ಪು. ಹಾಗೆ ಕಳಚಿದ ರುಚಿಗಳೆಲ್ಲ ಮಾಂತ್ರಿಕನ ನಾಲಿಗೆಗೆ ಹೋಗಿ ಸೇರುತ್ತಿದ್ದವು. ಅವನ ಶಕ್ತಿಯೆಲ್ಲ ಆ ನಾಲಿಗೆಯಲ್ಲೇ ಇತ್ತು. ಊರಿನವರು ಹೊತ್ತು ಹೊತ್ತಿಗೆ ಉಣ್ಣುತ್ತಿದ್ದರು, ಉಂಡದ್ದು ಏನೆಂದು ಮಾತ್ರ ತಿಳಿಯುತ್ತಿರಲಿಲ್ಲ. ಅಡುಗೆಯನ್ನು ಹೊಗಳುವವರೂ ಇರಲಿಲ್ಲ, ಹಳಿಯುವವರೂ ಇರಲಿಲ್ಲ. ಮಾವಿನಕಾಯಿಗಳು ಮರದಲ್ಲೇ ಹಣ್ಣಾಗಿ, ಕೊಳೆತು ಬೀಳುತ್ತಿದ್ದವು.

ಆ ಊರಿನ ಕುಂಬಾರಗೇರಿಯಲ್ಲಿ ಸಂಕವ್ವ ತನ್ನ ತಮ್ಮ ತೋಪಣ್ಣನ ಜೊತೆ ಇದ್ದಳು. ತಂದೆತಾಯಿ ಬೇಗ ತೀರಿಕೊಂಡಿದ್ದರಿಂದ ತಮ್ಮನನ್ನು ಎತ್ತಿ ಆಡಿಸಿ ಬೆಳೆಸಿದವಳು ಅವಳೇ. ತಂದೆ ಬಿಟ್ಟುಹೋದ ಆಸ್ತಿಯೆಂದರೆ ಒಂದು ಹೆಪ್ಪಿನ ಗಡಿಗೆ. ರಾಗಿಯ ಗಂಜಿಯನ್ನು ಹುಳಿಬರಿಸಿ ಹೆಂಡ ಮಾಡುವ ಹೆಪ್ಪು ಅದು. ಅದಕ್ಕೆ ಜೀವವಿತ್ತು. ದಿನವೂ ಒಂದು ಹಿಡಿ ಹಿಟ್ಟು ಹಾಕಿದರೆ ಜೇನುಗೂಡಿನ ಹಾಗೆ ಗುಂಯ್‌ಗುಡುತ್ತಿತ್ತು, ಮರೆತರೆ ಮುನಿಸಿಕೊಂಡು ಸುಮ್ಮನಾಗುತ್ತಿತ್ತು.

ಸಂಕವ್ವ ರಾಗಿಯನ್ನು ಮೊಳಕೆ ಕಟ್ಟಿ, ಒಣಗಿಸಿ, ಬೀಸಿ, ಕಾಡಿನ ಕಹಿ ತೊಗಟೆ ಹಾಕಿ ಕುದಿಸುವಳು. ತೋಪಣ್ಣ ಅದನ್ನು ಆರಿಸಿ, ಹೆಪ್ಪು ಬೆರೆಸಿ, ಗಡಿಗೆಗೆ ಕಿವಿಯಿಟ್ಟು ಕೂರುವನು. ಗುಂಯ್‌ಗುಡುವ ಸದ್ದು ಬದಲಾದ ಕೂಡಲೆ, "ಅಕ್ಕ, ಈಗ ಸೋಸು" ಎನ್ನುವನು. ಅವನು ಹೇಳಿದ ಗಳಿಗೆ ತಪ್ಪುತ್ತಿರಲಿಲ್ಲ.

ಒಂದು ದಿನ ಪಕ್ಕದ ಮನೆಯ ಕುಂಬಾರ ಆ ಹೆಂಡ ಕುಡಿದು ಮುಖ ಹಿಂಡಿದ. ಇಷ್ಟು ಕಹಿಯನ್ನು ಯಾರು ಕುಡಿಯುತ್ತಾರೆ ಎಂದು ಗೊಣಗುತ್ತ ಮನೆಗೆ ಹೋಗಿ ಊಟಕ್ಕೆ ಕೂತ. ಎರಡು ತುತ್ತು ತಿಂದು, ಸಾರಿಗೆ ಉಪ್ಪು ಜಾಸ್ತಿಯಾಗಿದೆ ಎಂದು ಹೆಂಡತಿಯನ್ನು ಗದರಿದ. ಎಷ್ಟೋ ವರ್ಷದ ಮೇಲೆ ಕೇಳಿದ ಆ ಬೈಗುಳಕ್ಕೆ ಅವಳು ಸಂತೋಷದಿಂದ ಅತ್ತುಬಿಟ್ಟಳು.

ಸುದ್ದಿ ಕೇರಿಯಿಂದ ಕೇರಿಗೆ ಹೋಯಿತು. ಗಡಿಗೆ ಸಾಲದೆ ಗುಡಾಣಗಳು ಬಂದವು. ಅಂಗಳ ಸಾಲದೆ ಹೊಳೆಬಾಗಿಲ ಬಳಿ ದೊಡ್ಡ ಚಪ್ಪರ ಎದ್ದಿತು. ಕುಂಬಾರರ ತಿಗರಿಗಳು ಮತ್ತೆ ತಿರುಗಿದವು. ಹೆಂಗಸರು ರಾಗಿ ಮೊಳಕೆ ಕಟ್ಟಲು ಬಂದರು, ಗಾಡಿಯವರು ಸೌದೆ ತಂದು ಸುರಿದರು. ಸಂಜೆಯಾದರೆ ಚಪ್ಪರದ ತುಂಬ ಜನ, ಜಗಳ, ನಗು. ಇದು ಯಾರ ಹೆಂಡ ಎಂದು ಹೊಸಬರು ಕೇಳಿದರೆ, ಸಂಕವ್ವನ ಹೆಂಡ ಎಂದು ಹಳಬರು ಹೇಳುತ್ತಿದ್ದರು. ಸಂಕವ್ವ ಅದನ್ನು ಕೇಳಿಸಿಕೊಂಡು ನಗುತ್ತಿದ್ದಳು. ಹಿಂದಿನ ಕೋಣೆಯಲ್ಲಿ ಗುಡಾಣಕ್ಕೆ ಕಿವಿಯಿಟ್ಟಿದ್ದ ತೋಪಣ್ಣನೂ ಕೇಳಿಸಿಕೊಳ್ಳುತ್ತಿದ್ದ. ಅವನು ನಗುತ್ತಿದ್ದನೋ ಇಲ್ಲವೋ, ಯಾರೂ ಹೋಗಿ ನೋಡಲಿಲ್ಲ.

ಇತ್ತ ಧೂಮಾಕ್ಷನ ಊಟದಲ್ಲಿ ಉಪ್ಪು ಸಪ್ಪಗಾಯಿತು, ಖಾರ ಮಂಕಾಯಿತು. ತನ್ನ ನಾಲಿಗೆಯಿಂದ ರುಚಿಗಳು ಊರಿನವರ ಬಳಿಗೆ ಹಿಂದಿರುಗುತ್ತಿವೆಯೆಂದು ಅವನಿಗೆ ಗೊತ್ತಾಯಿತು. ನೇರ ಅರಮನೆಗೆ ಹೋಗಿ, ಕುಂಬಾರಗೇರಿಯ ಹೆಂಡ ಊರನ್ನು ಕೆಡಿಸುತ್ತಿದೆ ಎಂದ. ಅಂಜುಬುರುಕ ರಾಜ, ಮಾಂತ್ರಿಕ ಹೇಳಿಕೊಟ್ಟಂತೆಯೇ ಆಜ್ಞೆ ಹೊರಡಿಸಿದ. ಸಂಕವ್ವ ನಾಗಬೆಟ್ಟದ ಬುಗ್ಗೆಯಿಂದ ನೀರು ತರಬೇಕು. ಕರಡಿಕಾಡಿನಿಂದ ಕಹಿ ತೊಗಟೆ ತರಬೇಕು. ಅವೆರಡರಿಂದ ಹೆಂಡ ಮಾಡಿ, ಹೋಳಿ ಹುಣ್ಣಿಮೆಯ ದಿನ ಅರಮನೆಯ ಮುಂದೆ ಊರಿಗೆಲ್ಲ ಬಡಿಸಬೇಕು. ಇಲ್ಲದಿದ್ದರೆ ಚಪ್ಪರಕ್ಕೆ ಬೆಂಕಿ, ಅವಳಿಗೆ ಗಡೀಪಾರು.

ಸಂಕವ್ವ ಹೆಪ್ಪನ್ನು ತಮ್ಮನಿಗೆ ಒಪ್ಪಿಸಿ, ಒಂದು ಸೋರೆಬುರುಡೆ ಹೆಂಡ ಹೆಗಲಿಗೆ ಹಾಕಿಕೊಂಡು, ನೀರಿಗೆ ಕೊಡ ಹಿಡಿದು ಹೊರಟಳು.

ನಾಗಬೆಟ್ಟದ ಬುಗ್ಗೆಯ ಸುತ್ತ ಏಳು ಹೆಡೆಯ ಹಾವು ಸುತ್ತಿಕೊಂಡಿತ್ತು. ನೀರಿಗೆ ಬದಲು ಏನು ಕೊಡುತ್ತೀಯೆ ಎಂದು ಅದು ಕೇಳಿತು. ಕಹಿ ಕೊಡುತ್ತೇನೆ ಎಂದಳು ಸಂಕವ್ವ. ಹುಟ್ಟಿದಂದಿನಿಂದ ತನ್ನ ವಿಷದ ರುಚಿಯೊಂದನ್ನೇ ಬಲ್ಲ ಹಾವು ಏಳು ಬಾಯಿಂದಲೂ ಹೆಂಡ ಕುಡಿದು, ತಲೆದೂಗಿ, ಸುತ್ತು ಸಡಿಲಿಸಿತು.

"ಇದನ್ನು ಮಾಡಿದವರು ಯಾರು ತಾಯಿ?"

"ನಾನು," ಎಂದಳು ಸಂಕವ್ವ. ನೀರು ತುಂಬಿಕೊಂಡು ಹೊರಟಳು.

ಕರಡಿಕಾಡಿನಲ್ಲಿ ಕಹಿಮರವನ್ನು ಅಪ್ಪಿಕೊಂಡು ಒಂದು ಕುರುಡು ಕರಡಿ ಕೂತಿತ್ತು. ತೊಗಟೆಗೆ ಬದಲು ಏನು ಕೊಡುತ್ತೀಯೆ ಎಂದು ಅದೂ ಕೇಳಿತು. ಕಹಿ ಕೊಡುತ್ತೇನೆ ಎಂದು ಅವಳು ಮತ್ತೆ ಹೇಳಿದಳು. ಜೇನು ತಿಂದು ತಿಂದು ಬಾಯಿ ಕಟ್ಟಿಹೋಗಿದ್ದ ಕರಡಿ, ಬುರುಡೆಯಲ್ಲಿ ಉಳಿದಿದ್ದ ಹೆಂಡವನ್ನೆಲ್ಲ ನೆಕ್ಕಿ ಮರವನ್ನು ಬಿಟ್ಟಿತು.

"ಇದನ್ನು ಮಾಡಿದವರು ಯಾರು ತಾಯಿ?"

"ನಾನು," ಎಂದಳು. ತೊಗಟೆ ಸುಲಿದುಕೊಂಡು ಊರಿನ ದಾರಿ ಹಿಡಿದಳು.

ಹೊಳೆಬಾಗಿಲಿಗೆ ಬಂದಾಗ ಚಪ್ಪರದಲ್ಲಿ ಸದ್ದೇ ಇರಲಿಲ್ಲ. ಗುಡಾಣಗಳಲ್ಲಿ ಬೂದುಬಣ್ಣದ ನೀರು ನಿಂತಿತ್ತು. ಹೆಪ್ಪಿನ ಗಡಿಗೆಯ ಜಾಗ ಬರಿದಾಗಿತ್ತು. ಅದರ ಪಕ್ಕದಲ್ಲಿ ತೋಪಣ್ಣ ಹೊಸ ರೇಷ್ಮೆ ಶಾಲು ಹೊದ್ದು ಕೂತಿದ್ದ.

ಅವನು ಏನನ್ನೂ ಮುಚ್ಚಿಡಲಿಲ್ಲ. ಧೂಮಾಕ್ಷ ತಾನಾಗಿ ಬಂದನಂತೆ. ನೆಲದ ಮೇಲೆ ತನ್ನ ಎದುರಿಗೇ ಕೂತು, ಈ ಊರಿಗೆ ರುಚಿ ಕೊಟ್ಟವನು ನೀನು ಎಂದನಂತೆ. ಇನ್ನು ಮುಂದೆ ಎಲ್ಲ ಪಡಖಾನೆಗಳಲ್ಲೂ ತೋಪಣ್ಣನ ಹೆಂಡ ಎಂದೇ ಕೂಗಿ ಮಾರಿಸುತ್ತೇನೆ ಎಂದನಂತೆ. ಗಡಿಗೆಯನ್ನು ತೋಪಣ್ಣನೇ ಎತ್ತಿ ಕೊಟ್ಟ. ಹೋಗುವಾಗ ಮಾಂತ್ರಿಕ ಗುಡಾಣಗಳ ಮೇಲೆ ಒಮ್ಮೆ ಉಸಿರುಬಿಟ್ಟ, ಎಲ್ಲವೂ ಸತ್ತವು.

ಸಂಕವ್ವ ಹೊತ್ತು ತಂದಿದ್ದ ನೀರು, ತೊಗಟೆಯನ್ನು ಕೆಳಗಿಟ್ಟಳು.

"ನಿನ್ನನ್ನು ಸಾಕಿದೆನಲ್ಲೋ," ಎಂದಳು.

"ಹೆಪ್ಪನ್ನು ಸಾಕಿದವನು ನಾನಲ್ಲವೇ ಅಕ್ಕ? ಅದನ್ನು ಒಬ್ಬರ ಮುಂದಾದರೂ ಹೇಳಿದೆಯಾ?"

ಆ ಮಾತು ನಿಜವಾಗಿತ್ತು. ನಿಜವಾದ್ದಕ್ಕೇ ಅವಳಿಗೆ ಸಿಟ್ಟು ನೆತ್ತಿಗೇರಿತು. ಬಾಗಿಲ ಕಡೆ ಕೈತೋರಿಸಿ, ಹೊರಟುಹೋಗು ಎಂದಳು. ಅವನು ಶಾಲು ಸರಿಮಾಡಿಕೊಂಡು ಧೂಮಾಕ್ಷನ ಮನೆಗೆ ಹೋದ.

ಮರುದಿನವೇ ಕುಂಬಾರ ಓಡಿಬಂದು ಹೇಳಿದ: ಮಾಂತ್ರಿಕನ ನೆಲಮಾಳಿಗೆಯ ಬಾಗಿಲಿಗೆ ಒಂದು ಕತ್ತೆಕಿರುಬವನ್ನು ಕಟ್ಟಿದ್ದಾರೆ, ಅದರ ಕೊರಳಿಗೆ ರೇಷ್ಮೆ ಶಾಲಿದೆ. ಹೆಪ್ಪು ಕೈಸೇರಿದ ಮೇಲೆ ಧೂಮಾಕ್ಷನಿಗೆ ತೋಪಣ್ಣನಿಂದ ಕಾವಲಲ್ಲದೆ ಬೇರೇನೂ ಬೇಕಿರಲಿಲ್ಲ, ಅದಕ್ಕೇ ಅವನನ್ನು ಕಿರುಬವಾಗಿಸಿ ಕಟ್ಟಿದ್ದ.

ಸಂಕವ್ವ ಅಳಲಿಲ್ಲ. ಹೆಪ್ಪಿಲ್ಲದೆ ಹೆಂಡವಿಲ್ಲ, ಹೆಂಡವಿಲ್ಲದೆ ಊರಿಗೆ ಬಾಯಿರುಚಿಯಿಲ್ಲ. ಮಟಮಟ ಮಧ್ಯಾಹ್ನ, ಮಾಂತ್ರಿಕ ಊರಿನ ರುಚಿಯನ್ನೆಲ್ಲ ಉಂಡು ಗೊರಕೆ ಹೊಡೆಯುವ ಹೊತ್ತಿಗೆ, ನೆಲಮಾಳಿಗೆಗೆ ಇಳಿದಳು. ಕಿರುಬ ಹಲ್ಲುಕಿರಿದು ಎದ್ದಿತು. ಕೊಡಲು ಅವಳ ಬಳಿ ಒಂದು ತೊಟ್ಟು ಹೆಂಡವೂ ಇರಲಿಲ್ಲ.

"ತೋಪಣ್ಣ," ಎಂದಳು.

ಕಿವಿ ನಿಮಿರಿತು. ಆದರೂ ಅದು ಹಾರಿ ಅವಳ ಎಡಗೈ ಕಚ್ಚಿತು. ಮೂಳೆ ಲಟಕ್ಕೆಂದಿತು. ಸಂಕವ್ವ ತುಟಿ ಕಚ್ಚಿಕೊಂಡು, ಆ ಕೈಯನ್ನು ಅದರ ಬಾಯಲ್ಲೇ ಬಿಟ್ಟು, ಬಲಗೈ ಚಾಚಿ ಬಾಗಿಲ ಒಳಗಿದ್ದ ಹೆಪ್ಪಿನ ಗಡಿಗೆಯನ್ನು ಎಳೆದುಕೊಂಡಳು. ಅಲುಗಿದ ಹೆಪ್ಪು ಒಮ್ಮೆ ಗುಂಯ್ ಎಂದಿತು. ಕಿರುಬ ಹಿಡಿತ ಬಿಟ್ಟಿತು. ಮೆಲ್ಲಗೆ ಬಂದು ಗಡಿಗೆಗೆ ಕಿವಿಯಿಟ್ಟು ಕೂತಿತು. ಅಷ್ಟು ಹೊತ್ತು ಸಾಕಾಯಿತು. ಅವಳು ಗಡಿಗೆಯನ್ನು ಸೊಂಟಕ್ಕೇರಿಸಿಕೊಂಡು ಮೇಲೆ ಬಂದಳು. ತಮ್ಮ ತನಗಾಗಿ ಬಿಟ್ಟನೋ, ಹೆಪ್ಪಿಗಾಗಿ ಬಿಟ್ಟನೋ, ಅವಳಿಗೆ ಕೊನೆಯವರೆಗೂ ತಿಳಿಯಲಿಲ್ಲ.

ಒಂದೇ ಕೈಯಲ್ಲಿ ರಾಗಿ ಬೀಸಿದಳು, ಬುಗ್ಗೆಯ ನೀರಿಗೆ ತೊಗಟೆ ಹಾಕಿ ಕುದಿಸಿದಳು, ಹೆಪ್ಪು ಬೆರೆಸಿದಳು. ಈಗ ಸೋಸು ಎನ್ನುವವರಿರಲಿಲ್ಲ. ತಾನೇ ಗುಡಾಣಕ್ಕೆ ಕಿವಿಯಿಟ್ಟಳು. ಅದರ ಸದ್ದಿನಲ್ಲಿ ಏನೇನಿದೆಯೆಂದು ಆಗ ಮೊದಲ ಸಲ ಕೇಳಿದಳು.

ಹೋಳಿ ಹುಣ್ಣಿಮೆಯ ದಿನ ಅರಮನೆಯ ಮುಂದೆ ಊರೇ ನೆರೆಯಿತು. ರಾಜ ಒಂದು ಗುಟುಕು ಕುಡಿದು ಮುಖ ಹಿಂಡಿದ. ಎದುರಿಗಿದ್ದ ತಟ್ಟೆಯಿಂದ ಒಂದು ಚೂರು ಉಪ್ಪಿನಕಾಯಿ ಬಾಯಿಗಿಟ್ಟು, ಕಣ್ಣಲ್ಲಿ ನೀರು ಬರುವವರೆಗೂ ಚಪ್ಪರಿಸಿದ. ಊರೆಲ್ಲ ಕುಡಿಯಿತು. ಧೂಮಾಕ್ಷ ಎದ್ದು ಮಂತ್ರ ಹೇಳಲು ಬಾಯಿ ತೆರೆದ. ಅವನ ನಾಲಿಗೆಯಿಂದ ಉಪ್ಪು ಹೋಯಿತು, ಖಾರ ಹೋಯಿತು, ಹುಳಿ ಹೋಯಿತು. ಕೊನೆಗೆ ನಾಲಿಗೆಯೇ ಒಣಗಿ ಉದುರಿತು. ಅದರ ಹಿಂದೆ ಅವನೂ ಬೂದಿಯಾಗಿ ಉದುರಿದ. ಆಳುಗಳು ಗುಡಿಸಿ ಹೊಳೆಗೆ ಹಾಕಿದರು.

"ಇದನ್ನು ಮಾಡಿದವರು ಯಾರು?" ಎಂದು ಕೇಳಿದ ರಾಜ.

ಸಂಕವ್ವ ಗುಂಪಿನ ಅಂಚಿಗೆ ನೋಡಿದಳು. ಹರಿದ ಶಾಲು ಹೊದ್ದು ತೋಪಣ್ಣ ನಿಂತಿದ್ದ, ಮತ್ತೆ ಮನುಷ್ಯನಾಗಿ.

"ಕುದಿಸಿದವಳು ನಾನು, ಪ್ರಭು. ಇದಕ್ಕೆ ಜೀವ ಕೊಟ್ಟವನು ನನ್ನ ತಮ್ಮ."

ಜನ ಅವನ ಕಡೆ ತಿರುಗಿ ಜಯಕಾರ ಹಾಕಿದರು. ತೋಪಣ್ಣ ತಲೆಯೆತ್ತಲಿಲ್ಲ.

ರಾಜ ಹೊಳೆದಂಡೆಯ ಜಾಗವನ್ನೆಲ್ಲ ಅವರಿಗೆ ಬಿಟ್ಟುಕೊಟ್ಟ. ಚಪ್ಪರವಿದ್ದಲ್ಲಿ ಕಲ್ಲಿನ ಹಜಾರಗಳು ಎದ್ದವು. ಸಂಜೆ ಕೆಲಸ ಬಿಟ್ಟ ಊರೆಲ್ಲ ಅಲ್ಲೇ ಸೇರುತ್ತಿತ್ತು. ಅಲ್ಲಿಯ ಹೆಂಡ ದೋಣಿಯೇರಿ ಪರರಾಜ್ಯಗಳಿಗೆ ಹೋಯಿತು. ಎಲ್ಲ ಕಡೆ ಅದಕ್ಕೆ ಅಕ್ಕತಮ್ಮನ ಹೆಂಡ ಎಂದೇ ಹೆಸರು. ಅಕ್ಕ ಬೆಂಕಿಯ ಹಜಾರದಲ್ಲಿ, ತಮ್ಮ ಹೆಪ್ಪಿನ ಹಜಾರದಲ್ಲಿ. ರಾಗಿ ಬಂತೇ, ಗುಡಾಣ ತೊಳೆದಾಯಿತೇ ಎಂಬಷ್ಟೇ ಮಾತು.

ಒಂದು ಚಳಿಗಾಲ ಅವಳು ಎಡಗೈಯನ್ನು ಒಲೆಯ ಶಾಖಕ್ಕೆ ಹಿಡಿದು ಕೂತಿದ್ದಾಗ ತೋಪಣ್ಣ ಬಂದು ನಿಂತ. ಇಬ್ಬರ ತಲೆಯೂ ನೆರೆತಿತ್ತು.

"ಅದನ್ನು ಮರೆತುಬಿಡು ಅಕ್ಕ," ಎಂದ.

"ನನಗೆ ಆಗುತ್ತಿಲ್ಲ ತೋಪಣ್ಣ. ನಾನು ಮಾಡಿದ್ದನ್ನು ನೀನು ಮರೆತೆಯಾ?"

ಅವನು ಸುಳ್ಳು ಹೇಳಬಹುದಿತ್ತು. ಆದರೆ, ಇಲ್ಲ ಎಂದ. ಒಲೆಗೆ ಎರಡು ಕಟ್ಟಿಗೆ ಒಟ್ಟಿ ತನ್ನ ಹಜಾರಕ್ಕೆ ಹೋದ.

ತೊರೆಗಲ್ಲಿನ ಜನ ಉಂಡರು, ಕುಡಿದರು, ಅಡುಗೆಯನ್ನು ಹಳಿದರು, ಹಾಡಿದರು, ಸುಖವಾಗಿ ಬಾಳಿದರು. ಅವರಿಬ್ಬರೂ ಚೆನ್ನಾಗಿಯೇ ಬಾಳಿದರು, ಒಂದೇ ಗೋಡೆಯ ಆಚೆಗೊಬ್ಬರು, ಈಚೆಗೊಬ್ಬರು.