ಬ್ರ್ಯಾಕಿಶ್ ಅಂದ್ರೇನು?

"ಓದವ್ವ ಜುಂಜಮ್ಮ, ಜೋರಾಗಿ ಓದು. ಎಲ್ಲಾರ್ಗೂ ಕೇಳ್ಬೇಕು!"

ಕಾಟಲಿಂಗಪ್ಪ ತಾತ ಕಾಗದವನ್ನು ಜುಂಜಮ್ಮನ ಮೂಗಿಗೇ ಹಿಡಿದ. ಅವನು ಹಟ್ಟಿಯ ಯಜಮಾನ. ಅವನ ಬೆನ್ನ ಹಿಂದೆ ಹಟ್ಟಿಯ ಅರ್ಧ ಜನ ನಿಂತಿದ್ದರು. ಉಳಿದರ್ಧ ಜನ ಓಡಿ ಬರುತ್ತಿದ್ದರು.

ಜುಂಜಮ್ಮ ಐಮಂಗಲದ ಸ್ಕೂಲಿನಲ್ಲಿ ಆರನೇ ಕ್ಲಾಸು. ಇಡೀ ಹಟ್ಟಿಯಲ್ಲಿ ಇಂಗ್ಲಿಷ್ ಅಕ್ಷರ ಗುರುತಿಸುವವಳು ಅವಳೊಬ್ಬಳೇ. ಹೋದ ವರ್ಷವಷ್ಟೇ ಎ, ಬಿ, ಸಿ, ಡಿ ಶುರುವಾಗಿತ್ತು. ಅಷ್ಟಕ್ಕೇ ಅವಳ ಅಜ್ಜಿ ಹುಚ್ಚಕ್ಕ ಹಿಗ್ಗಿ ಹೀರೇಕಾಯಿಯಾಗಿ, "ನಮ್ಮುಡ್ಗಿ ಇಂಗ್ಲೀಸ್ನ ನೀರು ಕುಡ್ದಂಗೆ ಓದ್ತಾಳೆ" ಎಂದು ಮನೆ ಮನೆಗೂ ಸಾರಿಕೊಂಡು ಬಂದಿದ್ದಳು.

ಕಾಗದ ಬಂದಿದ್ದು ಹಿರಿಯೂರಿನ ಇಂಜಿನಿಯರ್ ಆಫೀಸಿನಿಂದ. ಎರಡು ತಿಂಗಳ ಹಿಂದೆ ದೊಡ್ಡ ಲಾರಿಯೊಂದು ಬಂದು ಹಟ್ಟಿಯ ಮುಂದೆಯೇ ಬೋರ್ ಕೊರೆದಿತ್ತು. ನೀರು ಚಿಮ್ಮಿದಾಗ ಮಕ್ಕಳೆಲ್ಲ ಕುಣಿದು ಕುಣಿದು ತೊಯ್ದು ತೊಪ್ಪೆಯಾಗಿದ್ದರು. ಲಾರಿಯವರು ಒಂದು ಬಾಟಲಿ ನೀರು ತುಂಬಿಕೊಂಡು, "ಟೆಸ್ಟ್ ಆಗ್ಲಿ, ಆಮೇಲೆ ಕೈಪಂಪು ಹಾಕ್ತೀವಿ" ಎಂದು ಹೇಳಿ, ಪೈಪಿನ ಬಾಯಿಗೆ ಕಲ್ಲು ಮುಚ್ಚಿ ಹೋದರು. ಹೋದವರು ಹೋದರೇ. ಹಟ್ಟಿಯವರು ಮೊದಲಿನ ಹಾಗೆಯೇ ಅರ್ಧ ಮೈಲಿ ದೂರದ ಬಾವಿಯಿಂದ ನೀರು ಹೊರುತ್ತಿದ್ದರು. ಸ್ಕೂಲಿಗೆ ಹೋಗುವ ಮೊದಲು ಜುಂಜಮ್ಮನದೇ ಎರಡು ಬಿಂದಿಗೆ.

ಈಗ ಈ ಕಾಗದ. ಮೇಲೆ ಏನೇನೋ ಅಕ್ಷರ, ನಡುವೆ ಒಂದಿಷ್ಟು ಅಂಕಿ, ಕೊನೆಯಲ್ಲಿ ಕೆಳಗೆ ಗೆರೆ ಎಳೆದ ಒಂದೇ ಒಂದು ಪದ. ಜುಂಜಮ್ಮ ಅಕ್ಷರದ ಮೇಲೆ ಬೆರಳಿಟ್ಟು ಒಂದೊಂದಾಗಿ ಕೂಡಿಸಿದಳು.

"ಬ್ರ್ಯಾ... ಕಿಶ್. ಬ್ರ್ಯಾಕಿಶ್."

"ಬ್ರಾಕೀಸು!" ಎಂದು ಹಿಂದೆ ಯಾರೋ ಮೆಚ್ಚಿಕೊಂಡರು.

"ಹಂಗಂದ್ರೇನವ್ವ?" ಎಂದ ಕಾಟಲಿಂಗಪ್ಪ.

ಗೊತ್ತಿಲ್ಲ ಎನ್ನುವ ಮಾತು ಜುಂಜಮ್ಮನ ತುಟಿಯವರೆಗೂ ಬಂದಿತ್ತು. ಅಷ್ಟರಲ್ಲಿ ಅಜ್ಜಿಯ ಮುಖ ಕಾಣಿಸಿತು. ಅಜ್ಜಿ ಸೆರಗು ಸರಿಮಾಡಿಕೊಂಡು, ಸುತ್ತ ಇದ್ದವರನ್ನೆಲ್ಲ ಜಂಭದಿಂದ ನೋಡುತ್ತಿದ್ದಳು.

"ಹಂಗಂದ್ರೆ... ಒಳ್ಳೇದು ಅಂತ. ನೀರು ಒಳ್ಳೇದಾಗೈತೆ ಅಂತ."

ದೊಡ್ಡವರು ಒಬ್ಬರ ಮುಖ ಒಬ್ಬರು ನೋಡಿಕೊಂಡರು. ಆಮೇಲೆ ಕಾಟಲಿಂಗಪ್ಪ ಮೀಸೆ ತಿರುವಿದ.

"ಮತ್ತಿನ್ನೇನು! ಸೋಮವಾರ ಹಿರಿಯೂರಿಗೆ ಹೋಗಾಣ. ನಿಮ್ ಕಾಗ್ದಾನೇ ಒಳ್ಳೇದು ಅಂತೈತೆ, ಪಂಪು ಎಲ್ಲೈತೆ ಅಂತ ಸಾಹೇಬ್ರನ್ನ ಕೇಳೇಬಿಡ್ತೀನಿ. ಜುಂಜಮ್ಮ, ನೀನೂ ಬಾರವ್ವ. ಅವ್ರ ಮುಂದೆ ನೀನೇ ಓದಿ ಹೇಳ್ಬೇಕು."

ಜುಂಜಮ್ಮ ಕಾಗದವನ್ನು ತಾತನ ಕೈಗಿಟ್ಟು ಮನೆಗೆ ಓಡಿದಳು.

ಅವತ್ತು ರಾತ್ರಿ ಮುದ್ದೆ ತಟ್ಟೆಯಲ್ಲೇ ಉಳಿಯಿತು. ಬ್ರ್ಯಾಕಿಶ್, ಬ್ರ್ಯಾಕಿಶ್ ಎಂದು ಮನಸ್ಸಿನಲ್ಲೇ ಹತ್ತು ಸಲ ಹೇಳಿಕೊಂಡಳು. ಕೇಳಿದರೆ ಮಾವಿನಕಾಯಿ ಕಚ್ಚಿದ ಸದ್ದಿನ ಹಾಗಿತ್ತು. ಒಳ್ಳೆಯದು ಎಂದೇ ಇದ್ದರೂ ಇರಬಹುದು. ವಿಷ ಎಂದಿದ್ದರೆ? ಆಫೀಸಿನಲ್ಲಿ ಎಲ್ಲರೂ ತಾತನನ್ನು ನೋಡಿ ನಕ್ಕರೆ? ಅಂಥವರಿಗೆ ಪಂಪು ಯಾರು ಕೊಡುತ್ತಾರೆ? ಆ ಪುಟ್ಟ ಪದದ ಒಳಗೆ ಏನಿದೆ ಎಂದು ತಿಳಿಯದೆ ಅವಳಿಗೆ ಇರುವುದಕ್ಕೇ ಆಗಲಿಲ್ಲ.

ಮಾರನೇ ದಿನ ಶನಿವಾರ, ಬೆಳಗಿನ ಸ್ಕೂಲು. ಜುಂಜಮ್ಮ ಎಲ್ಲರಿಗಿಂತ ಮುಂಚೆ ಹೋಗಿ ಸ್ಲೇಟಿನ ಮೇಲೆ ಆ ಪದ ಬರೆದುಕೊಂಡು ಕಾದಳು. ಇಂಗ್ಲಿಷ್ ಕಲಿಸುವ ಗಂಗಾಧರಪ್ಪ ಮೇಷ್ಟ್ರು ಸೈಕಲ್ಲಿನಿಂದ ಇಳಿಯುತ್ತಿದ್ದ ಹಾಗೇ ಸ್ಲೇಟು ಹಿಡಿದಳು.

"ಸಾರ್, ಇದರರ್ಥ ಏನು ಸಾರ್?"

ಮೇಷ್ಟ್ರು ಕನ್ನಡಕ ಏರಿಸಿ ನೋಡಿದರು. ತಲೆ ಕೆರೆದುಕೊಂಡರು. "ಎಲ್ಲೋ ಓದಿದ ನೆನಪು. ಅರ್ಥ ಗೊತ್ತಿಲ್ಲ ಕಣಮ್ಮ" ಎಂದರು.

ಜುಂಜಮ್ಮ ಕಣ್ಣು ಕಣ್ಣು ಬಿಟ್ಟಳು. ಮೇಷ್ಟ್ರು, ಅದೂ ಇಂಗ್ಲಿಷ್ ಮೇಷ್ಟ್ರು, ಗೊತ್ತಿಲ್ಲ ಎಂದುಬಿಟ್ಟರು! ಹೇಳಿ ಏನೂ ಆಗದವರಂತೆ ಸೈಕಲ್ಲಿಗೆ ಸ್ಟ್ಯಾಂಡ್ ಹಾಕುತ್ತಿದ್ದರು. ಅವರ ಮುಖ ಸಣ್ಣದಾಗಲೂ ಇಲ್ಲ.

"ಮನೇಲಿ ಡಿಕ್ಷನರಿ ಐತೆ. ನೋಡಿ ಸೋಮವಾರ ಹೇಳ್ತೀನಿ."

"ಸೋಮವಾರ ಬ್ಯಾಡ ಸಾರ್! ಅಷ್ಟೊತ್ತಿಗೆ ಎಲ್ಲಾ ಮುಗ್ದೋಗಿರ್ತೈತೆ!"

"ಏನೇ ಅದು ಮುಗಿಯೋದು?"

ಜುಂಜಮ್ಮ ಸ್ಲೇಟನ್ನು ಎದೆಗವಚಿಕೊಂಡು ತಲೆ ತಗ್ಗಿಸಿದಳು. ಅವಳ ಕಣ್ಣಲ್ಲಿ ನೀರು ತುಂಬಿದ್ದನ್ನು ನೋಡಿ ಮೇಷ್ಟ್ರು ಮತ್ತೆ ಕೇಳಲಿಲ್ಲ. "ಹಂಗಾದ್ರೆ ನಾಳೆ ಹಿರಿಯೂರಿಗೆ, ಮನೆಗೇ ಬಾ. ಬಸ್ ಸ್ಟ್ಯಾಂಡಿನ ಹಿಂದಿನ ಬೀದಿ" ಎಂದರು.

ಭಾನುವಾರ ಜುಂಜಮ್ಮ ಅಜ್ಜಿಯನ್ನು ಹೊರಡಿಸಿದಳು. ಅಜ್ಜಿಗೆ ಕಣ್ಣಿನ ಔಷಧಿ ಬೇಕಿತ್ತು, ಮೊಮ್ಮಗಳಿಗೆ ಪದದ ಅರ್ಥ. ಇಬ್ಬರೂ ಐಮಂಗಲದಲ್ಲಿ ಬಸ್ಸು ಹತ್ತಿದರು. ಮೇಷ್ಟ್ರ ಮನೆಯಲ್ಲಿ ಏನು ಕೆಲಸ ಎಂದು ಅಜ್ಜಿ ದಾರಿಯುದ್ದಕ್ಕೂ ಕೇಳಿದಳು. "ಪಾಠ" ಎಂದಷ್ಟೇ ಹೇಳಿ ಜುಂಜಮ್ಮ ಕಿಟಕಿಯ ಕಡೆ ತಿರುಗಿ ಕೂತಳು.

ಮೇಷ್ಟ್ರ ಮನೆಯ ಡಿಕ್ಷನರಿ ದಿಂಬಿನಷ್ಟು ದಪ್ಪ ಇತ್ತು. ಅಜ್ಜಿ ಜಗಲಿಯ ಮೇಲೆ ಕಾಲು ಚಾಚಿ ಕೂತಳು. ಜುಂಜಮ್ಮ ಒಳಗೆ ಚಾಪೆಯ ಮೇಲೆ, ಉಸಿರು ಬಿಗಿಹಿಡಿದು ಕೂತಳು. ಮೇಷ್ಟ್ರು ಹಾಳೆ ತಿರುವಿದರು, ತಿರುವಿದರು, ನಿಂತರು.

"ಸಿಕ್ತು ನೋಡು. ಬ್ರ್ಯಾಕಿಶ್. ಇದು ವಿಶೇಷಣ ಕಣಮ್ಮ, ಇನ್ನೊಂದು ವಸ್ತು ಹೆಂಗೈತೆ ಅಂತ ಹೇಳೋ ಪದ. ಇದನ್ನ ಜಾಸ್ತಿ ನೀರಿಗೇ ಹೇಳ್ತಾರಂತೆ. ಸ್ವಲ್ಪ ಉಪ್ಪಾಗಿರೋ ನೀರು. ಸಮುದ್ರದಷ್ಟು ಉಪ್ಪಲ್ಲ, ಸಿಹಿನೀರೂ ಅಲ್ಲ."

"ಉಪ್ಪಾ?"

ಒಳ್ಳೆಯದು ಎಂದಲ್ಲ. ವಿಷ ಎಂದೂ ಅಲ್ಲ. ಜುಂಜಮ್ಮನಿಗೆ ಅರ್ಧ ಸಮಾಧಾನ, ಅರ್ಧ ಗೊಂದಲ.

"ಡಿಕ್ಷನರಿ ತಪ್ಪಾಗೈತೆ ಸಾರ್. ಇಲ್ಲಾಂದ್ರೆ ಕಾಗ್ದ ತಪ್ಪು. ನಮ್ ಬೋರ್ ನೀರು ನಾನೇ ಕುಡ್ದಿದೀನಿ. ಉಪ್ಪೂ ಇಲ್ಲ ಏನೂ ಇಲ್ಲ, ನೀರಿದ್ದಂಗೇ ಐತೆ."

ಆಗ ಮೇಷ್ಟ್ರ ಹೆಂಡತಿ ಮಹಾದೇವಮ್ಮ ಒಂದು ತಟ್ಟೆಯಲ್ಲಿ ಮಂಡಕ್ಕಿ, ಒಂದು ಲೋಟ ನೀರು ತಂದಿಟ್ಟರು. ಜುಂಜಮ್ಮ ಲೋಟ ಎತ್ತಿ ಗಟಗಟ ಕುಡಿದವಳು ನಡುವೆ ನಿಲ್ಲಿಸಿದಳು. ಲೋಟದೊಳಗೆ ಇಣುಕಿದಳು.

"ಅಮ್ಮಾರೇ, ಈ ನೀರ್ಯಾಕೆ ಹಿಂಗೈತೆ? ಏನೂ ರುಚೀನೇ ಇಲ್ವಲ್ಲ!"

"ನೋಡ್ರೀ, ನಮ್ಮನೆ ನೀರಿಗೇ ಹೆಸರಿಡ್ತಾಳೆ ನಿಮ್ಮ ಶಿಷ್ಯೆ!" ಎಂದು ಮಹಾದೇವಮ್ಮ ನಕ್ಕರು. "ಇದು ಸಿಹಿನೀರು ಕಣೇ. ಊರೋರೆಲ್ಲ ಇದನ್ನೇ ಕುಡಿಯೋದು."

ಮೇಷ್ಟ್ರು ನಗಲಿಲ್ಲ. "ನಾನು ದಿನಾ ಸ್ಕೂಲಿಗೆ ಮನೆಯಿಂದ ಬಾಟ್ಲಲ್ಲಿ ನೀರು ತರ್ತೀನಲ್ಲ, ಯಾಕೆ ಹೇಳು?"

"ಸ್ಟೈಲಿಗೆ ಸಾರ್." ಮಾತು ಬಾಯಿಂದ ಜಾರಿದ ಮೇಲೆ ಜುಂಜಮ್ಮ ನಾಲಿಗೆ ಕಚ್ಚಿಕೊಂಡಳು.

"ಸ್ಟೈಲೂ ಇಲ್ಲ ಗೈಲೂ ಇಲ್ಲ. ನಿಮ್ಮ ಕಡೆ ನೀರು ನನಗೆ ಉಪ್ಪುಪ್ಪು, ಕುಡಿಯಾಕಾಗಲ್ಲ. ನೀನು ಹುಟ್ಟಿದಾಗಿಂದ ಅದನ್ನೇ ಕುಡ್ದು ಬೆಳೆದೋಳು. ಅದ್ರಲ್ಲಿ ಉಪ್ಪೈತೆ ಅಂತ ನಿಂಗೆ ಹೆಂಗೆ ಗೊತ್ತಾಗ್ಬೇಕು?"

ಜುಂಜಮ್ಮ ಇನ್ನೊಂದು ಗುಟುಕು ಬಾಯಿಗೆ ಹಾಕಿಕೊಂಡು, ನುಂಗದೆ ಹಾಗೇ ಇಟ್ಟುಕೊಂಡಳು. ಈ ನೀರಿನಲ್ಲಿ ಏನೋ ಇರಲಿಲ್ಲ. ಏನು ಇರಲಿಲ್ಲವೋ ಅದೇ ಬ್ರ್ಯಾಕಿಶ್! ಎರಡು ದಿನದಿಂದ ಹುಡುಕುತ್ತಿದ್ದ ಪದದ ಅರ್ಥವನ್ನು ಅವಳು ದಿನವೂ ಕುಡಿಯುತ್ತಲೇ ಇದ್ದಳು. ಅವಳಿಗೆ ಖುಷಿ ತಡೆಯಲಾಗದೆ ನೀರು ನೆತ್ತಿಗೇರಿತು. ಮಹಾದೇವಮ್ಮ ತಲೆ ತಟ್ಟಬೇಕಾಯಿತು.

ಓಡಿ ಜಗಲಿಗೆ ಬಂದು, "ಅಜ್ಜೀ, ಬ್ರ್ಯಾಕಿಶ್ ಅಂದ್ರೆ ಸ್ವಲ್ಪ ಉಪ್ಪಾಗಿರೋ ನೀರಂತೆ!" ಎಂದಳು.

"ಸೌಳು ನೀರು ಅನ್ನು" ಎಂದಳು ಅಜ್ಜಿ. "ಅಷ್ಟು ಹೇಳಾಕೆ ಅಷ್ಟು ದಪ್ಪ ಪುಸ್ತಕನಾ?"

"ನಿಂಗೆ ಮೊದ್ಲೇ ಗೊತ್ತಿತ್ತಾ?"

"ಬೋರು ಹೊಡ್ದ ದಿನಾನೇ ಒಂದು ಬೊಗಸೆ ಕುಡ್ದೆ, ಗೊತ್ತಾತು. ಕುರಿ ಹೊಡ್ಕಂಡು ಎಷ್ಟೂರು ತಿರುಗಿದೀನಿ, ಎಷ್ಟೂರ ನೀರು ಕುಡ್ದಿದೀನಿ!"

"ಮತ್ತೆ ನಾನು ಒಳ್ಳೇದು ಅಂದಾಗ ಯಾಕೆ ಸುಮ್ನಿದ್ದೆ?"

"ನೀನು ಓದ್ದೋಳು. ಕಾಗ್ದ ಸರ್ಕಾರದ್ದು. ಪಾಪ, ಸರ್ಕಾರಕ್ಕೆ ನಾಲ್ಗೆ ಇಲ್ವೇನೋ ಅಂದ್ಕಂಡೆ."

ಜುಂಜಮ್ಮನಿಗೆ ನಗು ಬಂತು. ನಗುತ್ತಾ ನಗುತ್ತಾ ಅಳುವೂ ಬಂತು. "ಸರ್ಕಾರ ಹಂಗೆ ಹೇಳಿರ್ಲಿಲ್ಲ ಅಜ್ಜಿ. ನಾನೇ ಹೇಳಿದ್ದು. ನಂಗೆ ಅರ್ಥ ಗೊತ್ತಿರ್ಲಿಲ್ಲ."

ಅಜ್ಜಿ ಸೆರಗಿನಿಂದ ಮೊಮ್ಮಗಳ ಮೂಗು ಒರೆಸಿದಳು. "ಕಾಟಲಿಂಗಪ್ಪಂಗೆ ನೀನೇ ಹೇಳು. ನಾನು ಹೇಳಾಕಿಲ್ಲ" ಎಂದಳು.

ಸಂಜೆ ಕಾಟಲಿಂಗಪ್ಪ ಮನೆಯ ಮುಂದೆ ಕೂತು ಹಗ್ಗ ಹೊಸೆಯುತ್ತಿದ್ದ. ಜುಂಜಮ್ಮ ಎದುರಿಗೆ ನಿಂತು, ಒಂದೇ ಉಸಿರಿಗೆ ಎಲ್ಲವನ್ನೂ ಹೇಳಿ ಮುಗಿಸಿದಳು. ಬೈಯುತ್ತಾನೆ ಎಂದು ಕಣ್ಣು ಮುಚ್ಚಿಕೊಂಡಳು.

"ನೀನು ಹೇಳಿದ್ದನ್ನ ನಾನು ನಂಬಿರ್ಲಿಲ್ಲ ಕಣವ್ವ" ಎಂದ ತಾತ.

ಜುಂಜಮ್ಮ ಕಣ್ಣು ಬಿಟ್ಟಳು.

"ನಂಗೂ ನಾಲ್ಗೆ ಐತಲ್ಲ. ನಂಬ್ಲಿಲ್ಲ, ಆದ್ರೂ ನಂಬ್ಬೇಕು ಅನ್ನಿಸ್ತು. ಕಾಗ್ದ ಒಳ್ಳೇದು ಅಂದ್ರೆ ಪಂಪು ಬರ್ತೈತಲ್ಲ ಅಂತ ಆಸೆ." ತಾತ ಹಗ್ಗದ ಕಡೆ ನೋಡುತ್ತಾ ನಿಟ್ಟುಸಿರು ಬಿಟ್ಟ. "ಹೋಗ್ಲಿ ಬಿಡು. ನೀರು ಕೆಟ್ಟದು ಅಂತ ಅವ್ರೇ ಬರ್ದ ಮೇಲೆ ನಾಳೆ ಹೋಗಿ ಏನ್ ಮಾಡಾದು?"

ಅವತ್ತು ಮೀಸೆ ತಿರುವಿದ್ದ ತಾತ ಇವನೇನಾ ಎನ್ನಿಸಿ ಜುಂಜಮ್ಮನಿಗೆ ಸಂಕಟವಾಯಿತು. ಮೇಷ್ಟ್ರು ಓದಿದ್ದನ್ನು ಮತ್ತೆ ನೆನೆಸಿಕೊಂಡಳು.

"ತಾತ, ಕೆಟ್ಟದು ಅಂತ ಎಲ್ಲಿ ಬರ್ದವ್ರೆ? ಡಿಕ್ಷನರೀಲಿ ಹಂಗಿಲ್ಲ. ಸ್ವಲ್ಪ ಉಪ್ಪು ಅಂತೈತೆ, ಅಷ್ಟೇ."

"ಎಲ್ಡೂ ಒಂದೇ ಅಲ್ವೇನೇ?"

"ಒಂದೇ ಹೆಂಗಾಗ್ತೈತೆ? ನಮ್ ಬಾವಿ ನೀರು?"

"ಅದೂ ಸೌಳೇ. ಅದೇ ಭೂಮಿ, ಅದೇ ನೀರು."

"ಅದನ್ನ ಕೆಟ್ಟದು ಅಂತ ಬಿಟ್ಟಿದೀವಾ? ದಿನಾ ಹೊತ್ಕಂಡು ಬರ್ತೀವಲ್ಲ."

ತಾತನ ಕೈಯಲ್ಲಿ ಹಗ್ಗ ಹಾಗೇ ನಿಂತಿತು. "ಲೇ ಜುಂಜಮ್ಮ, ಮನೇಲಿ ಖಾಲಿ ಬಾಟ್ಲು ಎಷ್ಟವೆ ನೋಡೋಗು" ಎಂದ.

ಸೋಮವಾರ ಹತ್ತೂವರೆಗೆ ಹಿರಿಯೂರಿನ ಆಫೀಸಿನಲ್ಲಿ ಇಂಜಿನಿಯರ್ ಮುರುಗೇಶಪ್ಪನವರ ಮೇಜಿನ ಮೇಲೆ ಎರಡು ಬಾಟಲಿ ನೀರು ಕೂತಿದ್ದವು. ಒಂದು ಬಾವಿಯದು, ಇನ್ನೊಂದು ಕಲ್ಲು ಸರಿಸಿ, ಹಗ್ಗಕ್ಕೆ ಸಣ್ಣ ಡಬ್ಬಿ ಕಟ್ಟಿ ಇಳಿಬಿಟ್ಟು ಬೋರಿನಿಂದ ಎತ್ತಿದ್ದು. ಮೇಜಿನ ಈಚೆ ಕಡೆ ತಾತ, ಜುಂಜಮ್ಮ.

"ನಿಮ್ಮ ಕಾಗದದಲ್ಲೇ ಬರೆದಿದೆಯಲ್ಲ ಯಜಮಾನ್ರೇ" ಎಂದರು ಮುರುಗೇಶಪ್ಪ. "ಬ್ರ್ಯಾಕಿಶ್ ಅಂತ."

"ಹೌದು ಸಾರ್. ಸ್ವಲ್ಪ ಉಪ್ಪಾಗಿರೋ ನೀರು" ಎಂದಳು ಜುಂಜಮ್ಮ.

ಸಾಹೇಬರು ಅವಳನ್ನು ಆಗ ಸರಿಯಾಗಿ ನೋಡಿದರು. "ಪರವಾಗಿಲ್ವೇ! ಅರ್ಥ ಗೊತ್ತಿದ್ದೂ ಬಂದಿದೀಯ. ಅಂಥ ನೀರಿಗೆ ಪಂಪ್ ಹಾಕಿದ್ರೆ ಯಾರಮ್ಮ ಕುಡೀತಾರೆ?"

ಹಾಗೆನ್ನುತ್ತಲೇ ಹತ್ತಿರದ ಬಾಟಲಿ ಎತ್ತಿ, ಮುಚ್ಚಳಕ್ಕೆ ಸ್ವಲ್ಪ ಸುರಿದು, ನಾಲಿಗೆಗೆ ತಾಗಿಸಿದರು. ಅವರ ಮುಖ ಕಿವುಚಿಕೊಂಡಿತು.

"ನೋಡಿ, ಇದಕ್ಕೇ ನಾವು ಬೋರ್ ಮುಚ್ಚಿದ್ದು."

"ಅದು ಬೋರ್ದಲ್ಲ ಸಾರ್" ಎಂದಳು ಜುಂಜಮ್ಮ. "ಅದು ಬಾವೀದು. ನಾವು ದಿನಾ ಕುಡಿಯೋದು."

ಮುರುಗೇಶಪ್ಪ ಮುಚ್ಚಳ ಕೆಳಗಿಟ್ಟರು. ಇನ್ನೊಂದು ಬಾಟಲಿಯಿಂದ ಒಂದು ಹನಿ ರುಚಿ ನೋಡಿದರು, ಅದೇ ಉಪ್ಪು. ಎರಡನ್ನೂ ಕಿಟಕಿಯ ಬೆಳಕಿಗೆ ಹಿಡಿದರು.

"ದಿನಾ ಇದನ್ನೇ ಕುಡೀತೀರಾ?"

"ಹೂಂ ಸಾರ್, ಅರ್ಧ ಮೈಲಿ ಹೊತ್ಕಂಡು ಬಂದು." ಜುಂಜಮ್ಮನಿಗೆ ಇನ್ನೂ ಏನೋ ಹೇಳಬೇಕು ಅನ್ನಿಸಿತು. ಸಾಹೇಬರ ಕಿವುಚಿದ ಮುಖ, ಮಹಾದೇವಮ್ಮನವರ ಲೋಟದೊಳಗೆ ಇಣುಕಿದ್ದ ತನ್ನ ಮುಖ, ಎರಡೂ ಒಟ್ಟಿಗೇ ನೆನಪಾದವು. "ನಿಮಗೆ ಅದು ಬ್ರ್ಯಾಕಿಶ್ ಸಾರ್. ನಮ್ಮ ಹಟ್ಟೀಲಿ ಅದಕ್ಕೆ ನೀರು ಅಂತಾರೆ."

ಮೂಲೆಯಲ್ಲಿ ಟೈಪ್ ಮಾಡುತ್ತಿದ್ದ ಗುಮಾಸ್ತರು ಕೈ ನಿಲ್ಲಿಸಿ ಈ ಕಡೆ ನೋಡಿದರು. ಮುರುಗೇಶಪ್ಪ ಬಾಟಲಿ ಪಕ್ಕಕ್ಕಿಟ್ಟು, ಕಪಾಟಿನಿಂದ ಅದೇ ಕಾಗದದ ನಕಲಿದ್ದ ಫೈಲು ತೆಗೆದು, ಪೆನ್ನಿನ ಕ್ಯಾಪು ಬಿಚ್ಚಿದರು.

ಕಾಟಲಿಂಗಪ್ಪ ಬಗ್ಗಿ ಜುಂಜಮ್ಮನ ಕಿವಿಯಲ್ಲಿ ಪಿಸುಗುಟ್ಟಿದ. "ಆ ಪದ ಹೊಡ್ದಾಕ್ತಾವ್ರೇನೇ?"

ಜುಂಜಮ್ಮ ತುದಿಗಾಲಲ್ಲಿ ನಿಂತು ನೋಡಿದಳು. ಸಾಹೇಬರು ಆ ಪದವನ್ನು ಮುಟ್ಟಿರಲಿಲ್ಲ. ಅದರ ಕೆಳಗೆ ಎರಡು ಸಾಲು ಬರೆಯುತ್ತಿದ್ದರು. ಎರಡನೇ ಸಾಲಿನ ಕೊನೆಯ ಪದವನ್ನು ಅವಳು ಅಕ್ಷರ ಕೂಡಿಸಿ ಓದಿಕೊಂಡಳು. ಪಂಪ್.

"ಇಲ್ಲ ತಾತ" ಎಂದಳು. "ಇರ್ಲಿ ಬಿಡು. ಅದು ಸರಿಯಾಗೇ ಐತೆ."