ಹ್ಯಾಂಡ್ಲರ್ ಇಲ್ಲದ ನೀರುನಾಯಿ

ಭಾನುವಾರ ಮಧ್ಯಾಹ್ನ ಹನ್ನೆರಡು ನಲವತ್ತಕ್ಕೆ ಠಾಣೆಯ ಮೆಟ್ಟಿಲು ಹತ್ತಿ ಬಂದ ದೂರುದಾರಳಿಗೆ ಕುತ್ತಿಗೆಯಿಂದ ಕೆಳಗೆ ಹಳದಿ ತುಪ್ಪಳವಿತ್ತು. ಹಿಂದೆ ದಪ್ಪನೆ ಬಾಲ, ಕಾಲಿಗೆ ದಿಂಬಿನಷ್ಟು ದೊಡ್ಡ ಪಾದ. ಮೇಲೆ ಮಾತ್ರ ಬೆವರಿ ಒದ್ದೆಯಾದ ಕೂದಲಿನ, ಇಪ್ಪತ್ತೈದರ ಆಸುಪಾಸಿನ ಹುಡುಗಿಯ ಅಳುಮುಖ. ಬಾಗಿಲ ಸಂದಿಯಲ್ಲಿ ಬಾಲ ಸಿಕ್ಕಿಕೊಂಡು ಪಾಪ ಎರಡು ನಿಮಿಷ ಅಲ್ಲೇ ಒದ್ದಾಡಿದಳು. ಪಹರೆಯ ಕಾನ್‌ಸ್ಟೇಬಲ್ ನಗು ತಡೆಯಲಾರದೆ ಗೋಡೆ ಕಡೆ ತಿರುಗಿಕೊಂಡ. ಇನ್ಸ್‌ಪೆಕ್ಟರಮ್ಮ ನಗಲಿಲ್ಲ. ಇಪ್ಪತ್ತಾರು ವರ್ಷದ ನೌಕರಿಯಲ್ಲಿ ಅವರು ಕಲಿತದ್ದು ಇಷ್ಟು: ಅಳುತ್ತಾ ಬಂದವರು ಯಾವ ವೇಷದಲ್ಲಿದ್ದರೂ ಮೊದಲು ಕುರ್ಚಿ ಕೊಡಬೇಕು, ಆಮೇಲೆ ನೀರು. ಬಾಲದ ದೆಸೆಯಿಂದ ಕುರ್ಚಿಯಲ್ಲಿ ಕೂರಲಾಗದೆ ಹುಡುಗಿ ನಿಂತೇ ನೀರು ಕುಡಿದಳು.

ಏನು ಕಳುವಾಯಿತು ಅಂತ ಕೇಳಿದ್ದಕ್ಕೆ, ಗುಳುಗುಳುವಿನ ತಲೆ ಮತ್ತು ಎರಡು ಕೈ ಅಂದಳು. ಠಾಣೆಯ ರೈಟರ್ ಪೆನ್ನು ಎತ್ತಿದವನು ಹಾಗೇ ಪಿಳಿಪಿಳಿ ಕಣ್ಣು ಬಿಟ್ಟ. ಎಫ್‌ಐಆರ್‌ನಲ್ಲೂ ಅಲಂಕಾರ ಹುಡುಕುವ ಚಟವಿದ್ದುದರಿಂದ ಜೊತೆಯವರು ಅವನನ್ನು ಸಾಹಿತಿ ಅಂತಲೇ ಕರೆಯುತ್ತಿದ್ದರು. ಆ ಸಾಹಿತಿಗೂ ಈ ಸಾಲು ಹೊಸದು.

ಹುಡುಗಿ ಹಲ್ಲಿನ ಡಾಕ್ಟರ ಹತ್ತಿರ ಸಹಾಯಕಿ. ಬಿಚ್ಚಿ ಹೇಳಲು ಅವಳಿಗೆ ಕಾಲು ಗಂಟೆ ಹಿಡಿಯಿತು. ಮನುಷ್ಯರ ಹಾಗೆ ಎರಡು ಕಾಲಲ್ಲಿ ನಡೆದು, ನಕ್ಕು, ಕುಣಿಯುವ ಪ್ರಾಣಿಗಳೆಂದರೆ ಪ್ರಾಣ ಬಿಡುವವರ ಒಂದು ಬಳಗವಿದೆ. ತಮ್ಮನ್ನು ಫರ್ರಿ ಅಂತ ಕರೆದುಕೊಳ್ಳುತ್ತಾರೆ. ಒಬ್ಬೊಬ್ಬರೂ ತನಗೆಂದೇ ಒಂದು ಪ್ರಾಣಿಯನ್ನು ಕಲ್ಪಿಸಿಕೊಂಡು ಹೆಸರಿಡುತ್ತಾರೆ; ಅದು ಅವರ ಫರ್‌ಸೋನಾ. ಅದರ ತುಪ್ಪಳದ ವೇಷ ಫರ್‌ಸೂಟ್, ತೊಟ್ಟವರು ಸೂಟರ್. ತಲೆ ಹಾಕಿಕೊಂಡರೆ ಒಳಗೆ ವಿಪರೀತ ಸೆಕೆ, ಕಣ್ಣಿನ ಜಾಗದಲ್ಲಿ ಬಲೆ, ಕಾಲಡಿ ಏನೇನೂ ಕಾಣದು. ಅದಕ್ಕೇ ಸೂಟರ್ ಜೊತೆ ಯಾವಾಗಲೂ ಒಬ್ಬ ಹ್ಯಾಂಡ್ಲರ್. ಕೈ ಹಿಡಿದು ನಡೆಸುವುದು, ಮೆಟ್ಟಿಲು ಬಂತು ಅನ್ನುವುದು, ಸ್ಟ್ರಾ ಹಾಕಿ ನೀರು ಕುಡಿಸುವುದು, ಬಾಲ ಎಳೆಯುವ ಮಕ್ಕಳನ್ನು ನಯವಾಗಿ ಬಿಡಿಸುವುದು, ಎಲ್ಲಾ ಅವನ ಕೆಲಸ. ಅವತ್ತು ಎರಡು ಬೀದಿ ಆಚೆಯ ಸಭಾಭವನದಲ್ಲಿ ಬಳಗದ ವರ್ಷದ ಕೂಟ. ಹನ್ನೆರಡೂಕಾಲಿಗೆ ಅವಳು ವಿಶ್ರಾಂತಿ ಕೋಣೆಯಲ್ಲಿ ತನ್ನ ನೀರುನಾಯಿ ಗುಳುಗುಳುವಿನ ತಲೆ, ಕೈ ತೆಗೆದು ಫ್ಯಾನಿನ ಮುಂದೆ ಒಣಗಲಿಟ್ಟು ಬಚ್ಚಲಿಗೆ ಹೋಗಿದ್ದಳು. ಇಪ್ಪತ್ತು ನಿಮಿಷ ಬಿಟ್ಟು ಬಂದರೆ ಫ್ಯಾನು ಬರಿ ಮೇಜಿಗೆ ಗಾಳಿ ಹಾಕುತ್ತಿತ್ತು.

“ಹೀಗೆ ಅರ್ಧ ವೇಷದಲ್ಲಿ ಬೀದಿಗೆ ಬರಬಾರದು ಮೇಡಂ,” ಅಂದಳು. “ಅದನ್ನ ಮ್ಯಾಜಿಕ್ ಮುರಿಯೋದು ಅಂತೀವಿ. ಒಳಗೆ ಯಾರಿದ್ದಾರೆ ಅಂತ ಸೂಟರ್ ತೋರಿಸಲ್ಲ, ಬೇರೆಯವರು ಕೇಳಲ್ಲ. ನಂಗೆ ಏನೂ ತೋಚಲಿಲ್ಲ, ಓಡಿ ಬಂದ್ಬಿಟ್ಟೆ.”

“ಇದು ನಿಮ್ಮದೇನಾ?”

“ಈಗ ನಂದು. ಮೊದಲು ಬೇರೆಯವರದ್ದು.”

ಅವಳು ಹದಿನಾರರಲ್ಲಿದ್ದಾಗ, ಶಾಲೆಯಲ್ಲಿ ಮಾತಾಡಲು ಒಬ್ಬರೂ ಇಲ್ಲದ ವರ್ಷ, ಒಂದು ಉದ್ಯಾನದಲ್ಲಿ ಗುಳುಗುಳು ಕುಣಿಯುವುದನ್ನು ನೋಡಿದ್ದಳಂತೆ. ಹಳದಿ ನೀರುನಾಯಿ ಅವಳ ಮೂಗಿನ ತುದಿಗೆ ಒಂದು ಬೆರಳಿಟ್ಟು ಹೋಯಿತು. ಬಳಗದ ಮಾತಲ್ಲಿ ಅದು ಬೂಪ್. ಆ ಒಂದು ಬೂಪ್‌ನಿಂದ ತಾನು ಮತ್ತೆ ಜನರ ನಡುವೆ ಬಂದೆ ಅಂದಳು. ಒಂದೂವರೆ ವರ್ಷದ ಹಿಂದೆ ಗುಳುಗುಳುವಿನ ಹ್ಯಾಂಡ್ಲರ್ ಅಜ್ಜ ವೇಷವನ್ನು ಪೆಟ್ಟಿಗೆಯಲ್ಲಿಟ್ಟು ತಂದು, ಇನ್ನು ಇದು ನಿನ್ನದು ಅಂತ ಕೈಯಾರೆ ಕೊಟ್ಟು ಹೋದರು. ಒಳಗಿದ್ದವರು ಯಾರೆಂದು ಅವರು ಹೇಳಲಿಲ್ಲ, ಇವಳು ಕೇಳಲಿಲ್ಲ.

ಸಾಹಿತಿ ಬರೆದದ್ದನ್ನು ಗಟ್ಟಿಯಾಗಿ ಓದಿದ: ನೀರುನಾಯಿ ಜಾತಿಯ, ಪೀತವರ್ಣದ, ಕೃತಕ ಶಿರಸ್ಸು ಒಂದು.

“ಹಳದಿ ತಲೆ ಅಂತ ಬರಿ ಮಾರಾಯ,” ಅಂದರು ಇನ್ಸ್‌ಪೆಕ್ಟರಮ್ಮ. ಒಂದು ಹದಿನೈದಕ್ಕೆ ಎಫ್‌ಐಆರ್ ದಾಖಲಾಯಿತು.

ಎರಡು ಗಂಟೆಗೆ ಸ್ಥಳ ಪಂಚನಾಮೆ. ಕೋಣೆಯಲ್ಲಿ ಆರು ನಿಲುವು ಫ್ಯಾನು, ಉದ್ದ ಮೇಜು, ಬೆವರಿನ ಮೇಲೆ ಸಿಂಪಡಿಸಿದ ಔಷಧಿಯ ಘಾಟು. ಕ್ಯಾಮೆರಾ ಇಲ್ಲ, ಜನ ತಲೆ ತೆಗೆದಿಡುವ ಜಾಗದಲ್ಲಿ ಫೋಟೊ ತೆಗೆಯುವುದಕ್ಕಿಂತ ದೊಡ್ಡ ತಪ್ಪು ಬಳಗದಲ್ಲಿ ಇನ್ನೊಂದಿಲ್ಲವಂತೆ. ಹುಡುಗಿಯ ಕೈಗಡಿಯಾರ, ಫೋನು ಮೇಜಿನ ಮೇಲೆ ಇದ್ದ ಹಾಗೇ ಇದ್ದವು. ಪಕ್ಕದಲ್ಲಿ ತೋಳ, ಜಿಂಕೆ, ಚಿರತೆ ಅಂತ ಇನ್ನೂ ಹತ್ತು ತಲೆಗಳು ಸಾಲಾಗಿ ಒಣಗುತ್ತಿದ್ದವು, ಒಂದಕ್ಕಿಂತ ಒಂದು ಚೆಂದ. ಕಳ್ಳ ಅವುಗಳ ಕಡೆ ಕಣ್ಣೆತ್ತಿಯೂ ನೋಡಿರಲಿಲ್ಲ. ಇದೊಂದಕ್ಕೇ ಬಂದಿದ್ದಾನೆ ಅಂತ ಇನ್ಸ್‌ಪೆಕ್ಟರಮ್ಮನಿಗೆ ಅನ್ನಿಸಿತು.

ಬಾಗಿಲು ಕಾಯುತ್ತಿದ್ದವರು ಈ ವರ್ಷವಷ್ಟೇ ಬಳಗ ಸೇರಿದ ಒಬ್ಬ ಗಣಿತದ ಮೇಷ್ಟ್ರು. ಆ ಹೊತ್ತಿನಲ್ಲಿ ಹೊಸಬರು ಅಂತ ಒಳಗೆ ಹೋದದ್ದು ಒಬ್ಬರೇ ವಯಸ್ಸಾದವರು, ಕೈಯಲ್ಲಿ ಸ್ಟ್ರಾ ಹಾಕಿದ ನೀರಿನ ಬಾಟಲಿ, ಯಾರದೋ ಹ್ಯಾಂಡ್ಲರ್ ಇರಬೇಕು ಅಂತ ಬಿಟ್ಟೆ ಅಂದರು. ಹೊರಗೆ ಬರುವಾಗ ಹೆಗಲಲ್ಲಿ ಬಟ್ಟೆ ಒಗೆಯಲು ಹಾಕುವ ದೊಡ್ಡ ಚೀಲವಿತ್ತು.

“ಏನಾದ್ರೂ ಮಾತಾಡಿದ್ರಾ?”

“ಹೆಡ್‌ಲೆಸ್ ಲೌಂಜ್ ಎಲ್ಲಿದೆ ಅಂದ್ರು. ಯಾವುದಪ್ಪಾ ಅಂತ ಒಂದು ಕ್ಷಣ ಯೋಚನೆ ಮಾಡ್ಬೇಕಾಯ್ತು.”

“ಯಾಕೆ?”

“ಈಗ ಯಾರೂ ಹಾಗನ್ನಲ್ಲ. ತಂಪು ರೂಮು ಅಂತೀವಿ. ಅಲ್ನೋಡಿ, ಬೋರ್ಡೇ ಇದೆ.”

ಇನ್ಸ್‌ಪೆಕ್ಟರಮ್ಮ ಬೋರ್ಡು ನೋಡಿದರು. ಬಳಗ ಶುರುವಾದ ಕಾಲದಲ್ಲಿ ಬಂದವರಷ್ಟೇ ಹಳೆಯ ಮಾತು ಆಡುತ್ತಾರೆಂದು ಹುಡುಗಿ ಹೇಳಿದಳು. ಅಂಥವರಿಗೆ ಗ್ರೇಮಝಲ್ ಅಂತ ಹೆಸರು, ಅಂದರೆ ಮೂತಿಯ ಕೂದಲು ನರೆತವರು. ಹಿರಿಯರು ಅನ್ನುವ ಗೌರವದಲ್ಲೇ ಹಾಗನ್ನುವುದು. ಈ ಊರಲ್ಲಿ ಎಷ್ಟು ಜನ? ಮೂವರು. ಒಬ್ಬರು ಮಗಳ ಮನೆ ಸೇರಿ ದೇಶ ಬಿಟ್ಟಾಗಿದೆ. ಇನ್ನೊಬ್ಬರು ಆ ಹೊತ್ತಿಗೆ ಕರಡಿಯಾಗಿ ವೇದಿಕೆ ಮೇಲಿದ್ದರು, ಇನ್ನೂರು ಜನ ನೋಡಿದ್ದಾರೆ. ಮೂರನೆಯವರ ವಿಷಯಕ್ಕೆ ಬಂದಾಗ ಹುಡುಗಿ ಅಡ್ಡಡ್ಡ ತಲೆಯಾಡಿಸಿದಳು.

“ಹ್ಯಾಂಡ್ಲರ್ ಅಜ್ಜ. ಆದ್ರೆ ಅವರಲ್ಲ ಮೇಡಂ. ಕೊಟ್ಟೋರು ಯಾಕೆ ಕದೀತಾರೆ?”

ಅದೇ ಪ್ರಶ್ನೆ ಇನ್ಸ್‌ಪೆಕ್ಟರಮ್ಮನನ್ನೂ ರಾತ್ರಿಯಿಡೀ ಕೊರೆಯಿತು. ಅಜ್ಜನ ನಿಜವಾದ ಹೆಸರು ಬಳಗದಲ್ಲಿ ಒಬ್ಬರಿಗೂ ಗೊತ್ತಿರಲಿಲ್ಲ, ಹಳೆಯ ಫೋನ್ ನಂಬರು ಸತ್ತು ವರ್ಷವಾಗಿತ್ತು. ಸೋಮವಾರ ಹುಡುಗಿಯ ಮನೆಗೆ ಹೋಗಿ, ವೇಷ ಬಂದಿದ್ದ ಪೆಟ್ಟಿಗೆ ಇದೆಯೇ ಅಂತ ಕೇಳಿದರು. ಅವಳು ಎಸೆದಿರಲಿಲ್ಲ. ಪೆಟ್ಟಿಗೆಯ ತಳದಲ್ಲಿ ಲಿಫ್ಟ್ ಬಿಡಿಭಾಗಗಳ ಉಗ್ರಾಣವೊಂದರ ಮುದ್ರೆಯಿತ್ತು. ಮಧ್ಯಾಹ್ನದ ಹೊತ್ತಿಗೆ ಇನ್ಸ್‌ಪೆಕ್ಟರಮ್ಮ ಮತ್ತು ಸಾಹಿತಿ ಆ ಉಗ್ರಾಣದ ಮೇಲ್ವಿಚಾರಕನ ಮುಂದೆ ಕೂತಿದ್ದರು. ಮೂವತ್ತೊಂದು ವರ್ಷ ಲಿಫ್ಟ್ ರಿಪೇರಿ ಮಾಡಿದ ಮೆಕ್ಯಾನಿಕ್ ಒಬ್ಬರು ಹೆಂಡತಿಗೆ ಹುಷಾರಿಲ್ಲವೆಂದು ಅವಧಿಗೆ ಮೊದಲೇ ಕೆಲಸ ಬಿಟ್ಟಿದ್ದರು. ಬಿಡುವ ದಿನ ಒಂದು ಖಾಲಿ ಪೆಟ್ಟಿಗೆ ಕೇಳಿ ತೆಗೆದುಕೊಂಡು ಹೋದದ್ದು ಮೇಲ್ವಿಚಾರಕನಿಗೆ ನೆನಪಿತ್ತು. ವಿಳಾಸ ಸಿಕ್ಕಿತು. ಮನೆಗೆ ಬೀಗ. ಪಕ್ಕದ ಮನೆಯಾಕೆ, ಹೆಂಡತಿಯನ್ನು ಆರೈಕೆ ಮನೆಗೆ ಸೇರಿಸಿ ಎಂಟು ತಿಂಗಳಾಯಿತು, ಅವರು ಬೆಳಿಗ್ಗೆಯಿಂದ ಸಂಜೆವರೆಗೂ ಅಲ್ಲೇ ಬಿದ್ದಿರುತ್ತಾರೆ ಅಂದಳು.

ಮಂಗಳವಾರ ಮಧ್ಯಾಹ್ನ ಮೂರೂವರೆ. ಕಳುವಾದ ತಲೆಗೆ ಹೊಂದಿಸಿ ಗುರುತು ಹಿಡಿಯಬೇಕು, ವೇಷದ ಉಳಿದ ಭಾಗ ತಗೊಂಡು ಬಾ ಅಂತ ಹುಡುಗಿಗೆ ಫೋನು ಮಾಡಿ, ಇನ್ಸ್‌ಪೆಕ್ಟರಮ್ಮ ಆರೈಕೆ ಮನೆಗೆ ಹೋದರು. ಎರಡನೇ ಮಹಡಿಯ ನರ್ಸಕ್ಕ ಒಂದೂ ಮುಚ್ಚಿಡಲಿಲ್ಲ. ರೋಗಿ ಮೊದಲು ಅಂಚೆ ಕಚೇರಿಯಲ್ಲಿ ಗುಮಾಸ್ತೆಯಾಗಿದ್ದವರು, ಅರವತ್ತೊಂದು ವಯಸ್ಸು. ಮರೆವು ಒಂದೊಂದಾಗಿ ಎಲ್ಲವನ್ನೂ ತಿಂದುಹಾಕಿದೆ. ಮನೆ ಮರೆತರು, ಗಂಡನ ಮುಖ ಮರೆತರು. ಯಾವುದೋ ಒಂದಿಷ್ಟು ವಿಚಿತ್ರ ಪದಗಳು ಮಾತ್ರ ಉಳಿದಿವೆ. ಅವು ಅರ್ಥವಾಗದೆ ಶುರುವಿನಲ್ಲಿ ನಮ್ಮ ತಲೆ ಕೆಟ್ಟು ಮೊಸರಾಗಿತ್ತು, ಆಮೇಲೆ ಗಂಡನೇ ಬರೆದು ಅಂಟಿಸಿದರು ಅಂತ ಗೋಡೆ ತೋರಿಸಿದಳು. ಮೆಕ್ಯಾನಿಕ್‌ನ ದಪ್ಪ ಅಕ್ಷರದಲ್ಲಿ ಒಂದು ಹಾಳೆ ಇತ್ತು:

ಹೆಡ್‌ಲೆಸ್ ಅಂದರೆ ಸೆಕೆಯಾಗಿದೆ. ಫ್ಯಾನು ಹಾಕಿ, ನೀರಿಗೆ ಸ್ಟ್ರಾ ಹಾಕಿ ಕೊಡಿ, ಬಾಗಿಲು ಮುಚ್ಚಿ.
ಬೂಪ್ ಅಂದರೆ ಖುಷಿಯಲ್ಲಿದ್ದಾಳೆ. ಮೂಗಿನ ತುದಿ ಮೆಲ್ಲಗೆ ಮುಟ್ಟಿ. ಜೋರಾಗಿ ಬೇಡ.
ಸ್ಕ್ರಿಚ್ ಅಂದರೆ ತಲೆ ಕೆರೆಯಬೇಕು, ಬಲಗಿವಿಯ ಹಿಂದೆ. ಮೊದಲು ಕೇಳಿ, ಕೇಳದೆ ಮುಟ್ಟಿದರೆ ಸಿಟ್ಟು ಬರುತ್ತೆ.
ಕಾನ್ ಕ್ರಡ್ ಅಂದರೆ ನೆಗಡಿ, ಮೈಕೈ ನೋವು. ಜ್ವರ ನೋಡಿ.
ಹ್ಯಾಂಡ್ಲರ್ ಅಂದರೆ ಹೆದರಿದ್ದಾಳೆ. ಕೈ ಹಿಡಿದುಕೊಳ್ಳಿ. ನನಗೆ ಫೋನು ಮಾಡಿ, ಎಷ್ಟು ಹೊತ್ತಾದರೂ ಸರಿ.

ಇನ್ಸ್‌ಪೆಕ್ಟರಮ್ಮ ಅದನ್ನು ಎರಡು ಸಲ ಓದಿದರು. ತನಗೆ ಹೀಗಾದರೆ ತನ್ನ ಮಾತುಗಳನ್ನು ಹೀಗೆ ಬರೆದಿಡುವವರು ಯಾರಿದ್ದಾರೆ ಅನ್ನಿಸಿತು. ಸಾಹಿತಿ ಮೊದಲ ಸಲ ಒಂದಕ್ಷರವೂ ತಿದ್ದದೆ ಹಾಳೆಯನ್ನು ನಕಲು ಮಾಡಿಕೊಂಡ.

ಹನ್ನೊಂದು ದಿನ ರೋಗಿ ಊಟಕ್ಕೆ ಸರಿಯಾಗಿ ಬಾಯಿ ತೆರೆದಿರಲಿಲ್ಲ ಅಂದಳು ನರ್ಸಕ್ಕ. ಗುಳುಗುಳು ಎಲ್ಲಿ, ಗುಳುಗುಳು ಬರಲಿ ಅಂತ ಒಂದೇ ಹಟ. ಬುಧವಾರ ಮೂಗಿಗೆ ಟ್ಯೂಬು ಹಾಕುವುದೆಂದು ಡಾಕ್ಟರು ಬರೆದೂ ಆಗಿತ್ತು. ಆದರೆ ಭಾನುವಾರ ಸಂಜೆಯಿಂದ ಒಂದು ಪ್ರಾಣಿ ಬರುತ್ತಿದೆ, ಬಂದಾಗ ನಾಲ್ಕು ಚಮಚ ಸೂಪು ಒಳಗೆ ಹೋಗುತ್ತಿದೆ, ನಾವೇ ಒಪ್ಪಿ ಬಿಟ್ಟಿದ್ದೇವೆ.

ನಾಲ್ಕಕ್ಕೆ ಸರಿಯಾಗಿ ಓಣಿಯ ತುದಿಯಿಂದ ಅದು ಬಂತು. ಮೇಲೆ ಹಳದಿ ನೀರುನಾಯಿಯ ತಲೆ, ಹಳದಿ ಕೈ. ಕೆಳಗೆ ಲಿಫ್ಟ್ ಮೆಕ್ಯಾನಿಕ್‌ನ ಬೂದು ಮೇಲಂಗಿ. ಗೋಡೆ ತಡವುತ್ತಾ ನಡೆಯುತ್ತಿತ್ತು, ಪೊಲೀಸರನ್ನು ಕಾಣಲಿಲ್ಲ. ಸಾಹಿತಿ ಹೆಜ್ಜೆ ಮುಂದಿಟ್ಟ. ಇನ್ಸ್‌ಪೆಕ್ಟರಮ್ಮ ಅವನ ತೋಳು ಹಿಡಿದು ನಿಲ್ಲಿಸಿದರು.

ಬಾಗಿಲ ಗಾಜಿನಲ್ಲಿ ಎಲ್ಲಾ ಕಂಡಿತು. ಹಾಸಿಗೆಯ ಮೇಲಿದ್ದ ಸಣಕಲು ಹೆಂಗಸು ಎರಡು ಕೈ ಚಾಚಿದಳು. ಎರಡು ಚಮಚ ಕುಡಿದಳು, ಮೂರು, ನಾಲ್ಕು. ಆಮೇಲೆ ಬಟ್ಟಲು ತಳ್ಳಿ ಬಾಗಿಲ ಕಡೆ ನೋಡತೊಡಗಿದಳು. “ಒಬ್ಬಳೇ ಯಾಕೆ ಬಂದೆ? ಹ್ಯಾಂಡ್ಲರ್ ಎಲ್ಲಿ? ಬಿದ್ದುಗಿದ್ದೀಯ!” ವೇಷದಲ್ಲಿದ್ದಾಗ ಸೂಟರ್ ಮಾತಾಡುವಂತಿಲ್ಲ, ನೀರುನಾಯಿ ಅವಳ ಕೈ ತಟ್ಟಿತು. ಅವಳು ಮಾತ್ರ ಎದುರಿಗಿದ್ದವನನ್ನು ಬಿಟ್ಟು, ಅವನಿಗಾಗಿಯೇ ಬಾಗಿಲು ಕಾಯುತ್ತಿದ್ದಳು.

ಹೊರಗೆ ಬಂದು ತಲೆ ತೆಗೆದಾಗ ಅಜ್ಜನಿಗೆ ಸಮವಸ್ತ್ರ ಕಂಡಿತು. ಓಡಲಿಲ್ಲ, ತಬ್ಬಿಬ್ಬಾಗಲೂ ಇಲ್ಲ.

“ನೀವೇ ತಗೊಂಡಿದ್ದಾ?”

“ನಾನೇ.”

“ಕೇಳಿದ್ರೆ ಕೊಡ್ತಿದ್ಲಲ್ಲ ಆ ಹುಡುಗಿ.”

“ಮೂರು ಸಲ ಅವಳ ಮನೆ ಬಾಗಿಲಿಗೆ ಹೋಗಿ ವಾಪಸ್ ಬಂದೆ ತಾಯಿ. ಕೇಳಿದ್ರೆ ಯಾಕೆ ಅಂತಾಳೆ. ಹೇಳಿದ್ರೆ ಒಳಗಿದ್ದವಳು ಇವಳು ಅಂತ ಗೊತ್ತಾಗುತ್ತೆ. ನನ್ನನ್ನ ಈ ಸ್ಥಿತೀಲಿ ಬಳಗದವರು ನೋಡಬಾರದು, ಗುಳುಗುಳು ಅಂದ್ರೆ ಅವರಿಗೆ ಆ ಕುಣಿತಾನೇ ನೆನಪಿರ್ಲಿ ಅಂತ ನನ್ನ ಹತ್ರ ಮಾತು ತಗೊಂಡಿದ್ಲು. ಜ್ಞಾಪಕ ಇದ್ದಾಗ. ಆ ಮಾತು ಬಿಡಿಸ್ಕೊಳ್ಳೋಣ ಅಂದ್ರೆ ಅವಳಿಗೀಗ ನಾನ್ಯಾರು ಅಂತಲೇ ಗೊತ್ತಿಲ್ಲ.”

ನಾಲ್ಕು ಐವತ್ತಕ್ಕೆ ಹುಡುಗಿ ಪೆಟ್ಟಿಗೆ ಹೊತ್ತು ಬಂದಳು. ತಲೆಯ ಒಳಗೆ ಗಲ್ಲದ ಹತ್ತಿರ ತಾನೇ ಹಾಕಿದ್ದ ಹೊಲಿಗೆ ತೋರಿಸಿ, ನನ್ನದೇ ಅಂದಳು. ಅಜ್ಜ ತಲೆ ಎತ್ತಲಿಲ್ಲ. ಎಫ್‌ಐಆರ್ ಆಗಿದೆ, ಮಾಲು ಸಿಕ್ಕಿದೆ, ಆರೋಪಿ ಒಪ್ಪಿದ್ದಾನೆ. ದಸ್ತಗಿರಿ ಮಾಡದೆ ದಾರಿಯಿರಲಿಲ್ಲ. ಅಜ್ಜ ಕೇಳಿಕೊಂಡದ್ದು ಒಂದೇ: ರಾತ್ರಿಯ ಊಟ ಒಂದು ಮಾಡಿಸಿ ಬರ್ತೀನಿ. ಇನ್ಸ್‌ಪೆಕ್ಟರಮ್ಮ ಸಾಹಿತಿಯ ಮುಖ ನೋಡಿದರು. ಮೆಮೊದಲ್ಲಿ ಇನ್ನೂ ಸಮಯ ಹಾಕಿಲ್ಲ ಮೇಡಂ ಅಂದ ಸಾಹಿತಿ, ಪೆನ್ನಿಗೆ ಮುಚ್ಚಳ ಹಾಕುತ್ತಾ.

ಹುಡುಗಿ ಅಷ್ಟರಲ್ಲಿ ಗೋಡೆಯ ಹಾಳೆ ಓದುತ್ತಿದ್ದಳು. ಕೊನೆಯ ಸಾಲಿಗೆ ಬಂದಾಗ ಅವಳ ಕಣ್ಣು ತುಂಬಿತು. ಬಾಗಿಲ ಗಾಜಿನ ಕಡೆ ಒಮ್ಮೆಯೂ ತಿರುಗಲಿಲ್ಲ. ಒಳಗೆ ಯಾರು ಅಂತ ಕೇಳಲಿಲ್ಲ. ಪೆಟ್ಟಿಗೆ ತೆಗೆದುಕೊಂಡು ಬಚ್ಚಲಿಗೆ ಹೋದಳು, ಹತ್ತು ನಿಮಿಷದಲ್ಲಿ ಹಳದಿ ಮೈ, ಬಾಲ, ಪಾದ ತೊಟ್ಟು ಬಂದಳು. ಅಜ್ಜನಿಂದ ತಲೆ, ಎರಡು ಕೈ ತೆಗೆದುಕೊಂಡಳು.

“ಇದನ್ನ ಹಾಕ್ಕೊಂಡ್ರೆ ನಂಗೆ ಏನೂ ಕಾಣಲ್ಲ ಅಜ್ಜ. ಯಾರ ಮುಖಾನೂ ಸರಿಯಾಗಿ ಕಾಣಲ್ಲ. ಹ್ಯಾಂಡ್ಲರ್ ಇಲ್ದೆ ಹೆಂಗೆ ಹೋಗ್ಲಿ? ಕೈ ಹಿಡ್ಕೊಳ್ಳಿ.”

ಅಜ್ಜ ಹಿಡಿದುಕೊಂಡರು. ಹಿಡಿಯುವ ರೀತಿಯಲ್ಲೇ ಎಷ್ಟೋ ವರ್ಷದ ಅಭ್ಯಾಸ ಕಾಣುತ್ತಿತ್ತು: ಒಂದು ಕೈ ಮೊಣಕೈಗೆ, ಇನ್ನೊಂದು ಬೆನ್ನಿಗೆ, ಅರ್ಧ ಹೆಜ್ಜೆ ಮುಂದೆ. ಹೊಸಿಲು ಬಂತು, ಕಾಲೆತ್ತು ಅಂತ ಮೆಲ್ಲಗೆ ಹೇಳಿದರು.

ಹಾಸಿಗೆಯ ಮೇಲಿನ ಹೆಂಗಸು ನೀರುನಾಯಿಯನ್ನು ನೋಡಿದಳು. ಆಮೇಲೆ ಅದರ ಕೈ ಹಿಡಿದಿದ್ದವರನ್ನು ನೋಡಿದಳು. ಎಂಟು ತಿಂಗಳಿಂದ ಯಾರೋ ಒಬ್ಬನ ಹಾಗೆ ಬಂದುಹೋಗುತ್ತಿದ್ದ ಮುಖದ ಮೇಲೆ ಅವಳ ಕಣ್ಣು ನಿಂತಿತು.

“ಏನ್ರೀ,” ಅಂದಳು. “ಎಲ್ಲಿಗೆ ಹೋಗಿದ್ರಿ ಇಷ್ಟು ದಿನ? ಇವಳನ್ನ ಒಬ್ಬಳನ್ನೇ ಬಿಟ್ಟು?”

ಹುಡುಗಿ ಹಳದಿ ಬೆರಳಿಂದ ಹೆಂಗಸಿನ ಮೂಗಿನ ತುದಿ ಮೆಲ್ಲಗೆ ಮುಟ್ಟಿದಳು. ಅಜ್ಜ ಅಳುತ್ತಲೇ ಬಟ್ಟಲು ತೆಗೆದುಕೊಂಡರು, ಬಟ್ಟಲು ಖಾಲಿಯಾಗುವವರೆಗೆ ಇನ್ಸ್‌ಪೆಕ್ಟರಮ್ಮ ಓಣಿಯ ಬೆಂಚಿನ ಮೇಲೆ ಕೂತಿದ್ದರು.

ದಸ್ತಗಿರಿಯ ಸಮಯ: ಸಂಜೆ ಆರು ಐದು. ಕೈಕೋಳ ಹಾಕಲಿಲ್ಲ. ಕೇಸ್ ಡೈರಿಯಲ್ಲಿ ಕೃತ್ಯದ ಉದ್ದೇಶ ಅನ್ನುವ ಕಡೆ ಸಾಹಿತಿ ಒಂದು ಪುಟ ಬರೆಯಲು ಸಿದ್ಧನಾಗಿದ್ದ. ಇನ್ಸ್‌ಪೆಕ್ಟರಮ್ಮ ಹೇಳಿ ಬರೆಸಿದ್ದು ಎರಡೇ ಮಾತು: ಹೆಂಡತಿಯ ಊಟ.

ಬುಧವಾರ ಬೆಳಿಗ್ಗೆ ಆರೋಪಿಯನ್ನು ಕೋರ್ಟಿಗೆ ಹಾಜರುಪಡಿಸಲಾಯಿತು. ದೂರುದಾರಳು ರಾಜಿ ಅರ್ಜಿ ಹಾಕಿದಳು, ಕೋರ್ಟು ಒಪ್ಪಿತು, ಮಾಲನ್ನು ಅವಳ ವಶಕ್ಕೆ ಕೊಡಲಾಯಿತು. ಟ್ಯೂಬು ಹಾಕಲು ಡಾಕ್ಟರು ಬರೆದಿದ್ದ ಚೀಟಿಯನ್ನು ಅವರನ್ನೇ ಕೇಳಿ ನರ್ಸಕ್ಕ ಹರಿದು ಹಾಕಿದಳು. ಸಂಜೆ ನಾಲ್ಕಕ್ಕೆ ಎರಡನೇ ಮಹಡಿಗೆ ನೀರುನಾಯಿ ಬಂದಾಗ ಹ್ಯಾಂಡ್ಲರ್ ಜೊತೆಯಲ್ಲೇ ಇದ್ದರು.